ಮೆಂಡೆಲ್‌ಸೋನ್, ಬೂಬರ್, ರೋಸೆನ್‌ಸ್ವೈಗ್: ಮೂರರಲ್ಲಿ ಯಾವುದನ್ನು ಕೊಳ್ಳಬೇಕು?

ಈ ಮೂವರು ಯೆಹೂದಿ ಚಿಂತಕರ ಪುಸ್ತಕಗಳಲ್ಲಿ ಒಂದನ್ನೇ ಕೊಳ್ಳುವುದಾದರೆ ಮೋಸೆಸ್ ಮೆಂಡೆಲ್‌ಸೋನ್ ಅವರ 'ಜೆರುಸಲೇಮ್' ತಗೊಳ್ಳಿ. ನಾನು ಅದನ್ನೇ ಕೊನೆಗೆ ಕೊಂಡೆ. ಮೊದಲು ಕೊಂಡಿದ್ದರೆ ದುಡ್ಡೂ ಉಳಿಯುತ್ತಿತ್ತು, ಒಂದು ಇಡೀ ಮಳೆಗಾಲವೂ ಉಳಿಯುತ್ತಿತ್ತು.

ನನಗಿದ್ದ ಪ್ರಶ್ನೆ ಒಂದೇ. ವಾರದ ವಿಶ್ರಾಂತಿಯ ದಿನವಾದ ಸಬ್ಬತ್‌ನಲ್ಲಿ ಬೆಂಕಿ ಹೊತ್ತಿಸಬಾರದು, ಮಾಂಸಕ್ಕೆ ಹಾಲು ಬೆರೆಸಬಾರದು, ಹೀಗೆ ಯೆಹೂದಿಗಳ ದಿನವೆಲ್ಲ ಕಟ್ಟಳೆಗಳಿಂದ ತುಂಬಿದೆ. ಅವರು ಯುರೋಪಿನಲ್ಲಿ ಎಲ್ಲರಂತೆ ನಾಗರಿಕರಾಗಲು ಹೊರಟಾಗ ಈ ಕಟ್ಟಳೆಗಳು ಏನಾದವು? ಅವು ಕಾನೂನೋ, ಧರ್ಮವೋ, ಬರೀ ರೂಢಿಯೋ? ಮಡಿ-ಮೈಲಿಗೆಯ ಮನೆಯಲ್ಲಿ ಬೆಳೆದ ನನಗೆ ಇದು ದೂರದ ಪ್ರಶ್ನೆ ಅನ್ನಿಸಲಿಲ್ಲ.

ಮೊದಲು ಹಿಡಿದದ್ದು ಮಾರ್ಟಿನ್ ಬೂಬರ್ ಅವರ 1923ರ ಪುಸ್ತಕ, ಇಂಗ್ಲಿಷಿನಲ್ಲಿ 'ಐ ಆ್ಯಂಡ್ ದೌ' ('ದೌ' ಅಂದರೆ ಹಳಗಾಲದ ಇಂಗ್ಲಿಷಿನ 'ನೀನು'). ಗೆಳತಿಯ ಹಳೆಯ ಪ್ರತಿಯನ್ನು, ಅಂದರೆ ರೊನಾಲ್ಡ್ ಗ್ರೆಗರ್ ಸ್ಮಿತ್ ಅವರ 1937ರ ಅನುವಾದವನ್ನು, ಅರ್ಧ ಓದಿ ವಾಪಸ್ ಕೊಟ್ಟಿದ್ದೆ. ಉಳಿದರ್ಧಕ್ಕೆಂದು ಆನ್‌ಲೈನಿನಲ್ಲಿ ತರಿಸಿದರೆ ಬಂದದ್ದು ವಾಲ್ಟರ್ ಕೌಫ್‌ಮನ್ ಅವರ 1970ರ ಅನುವಾದ. ರಟ್ಟಿನ ಮೇಲೆ 'ದೌ' ಅಂತಿದೆ. ಒಳಗೆ ಪುಟಪುಟದಲ್ಲೂ 'ಯೂ'. ನಾನು ಬರೆದಿಟ್ಟುಕೊಂಡಿದ್ದ ಸಾಲುಗಳನ್ನು ಹುಡುಕಿ ಹುಡುಕಿ ಸಾಕಾಯಿತು.

ಜರ್ಮನ್ ಮೂಲದಲ್ಲಿರುವುದು 'ದು'. ಮಕ್ಕಳನ್ನು, ಗೆಳೆಯರನ್ನು, ದೇವರನ್ನು ಕರೆಯುವ ಮಾತು ಅದು. 'ದೌ' ಈಗ ಪ್ರಾರ್ಥನೆಯ ಹೊರಗೆ ಹೆಚ್ಚು ಕೇಳುವುದಿಲ್ಲ, ಅದಕ್ಕೇ ಕೌಫ್‌ಮನ್ ಬದಲಾಯಿಸಿದರು. ಆದರೆ 'ಯೂ' ಬ್ಯಾಂಕ್ ಮ್ಯಾನೇಜರಿಗೂ ಆಗುತ್ತದೆ, ಅಮ್ಮನಿಗೂ ಆಗುತ್ತದೆ. ಒಂದು ಸಂಜೆ ಪೆನ್ಸಿಲ್ ಹಿಡಿದು ಒಂದು ಪುಟದ 'ಯೂ'ಗಳನ್ನೆಲ್ಲ ಹೊಡೆದುಹಾಕಿ ಮೇಲೆ 'ನೀನು' ಎಂದು ಬರೆದೆ. ಆಮೇಲೆ ಓದಿದರೆ ಆ ಪುಟ ನನ್ನ ಜೊತೆ ಮಾತಾಡಿತು. ನಮಗೆ ಮ್ಯಾನೇಜರು 'ನೀವು', ಅಮ್ಮ 'ನೀನು', ದೇವರೂ 'ನೀನು' ಅಲ್ವಾ? ಎದುರಿಗಿರುವವರನ್ನು 'ಅದು' ಎಂದು ಎಣಿಸಿ ಬಳಸಿಕೊಳ್ಳುವುದು ಬೇರೆ, 'ನೀನು' ಎಂದು ಅವರ ಮುಂದೆ ನಿಲ್ಲುವುದು ಬೇರೆ ಅನ್ನುವುದೇ ಬೂಬರ್ ಪುಸ್ತಕದ ಜೀವ.

ಆದರೆ ನನ್ನ ಪ್ರಶ್ನೆಗೆ ಅಲ್ಲಿ ಉತ್ತರ ಸಿಗಲಿಲ್ಲ. ಬೂಬರ್ ಪ್ರಕಾರ ದೇವರು ಎದುರಾಗುತ್ತಾನೆ, ಕಟ್ಟಳೆ ಬರೆದುಕೊಡುವುದಿಲ್ಲ.

ಫ್ರಾನ್ಸ್ ರೋಸೆನ್‌ಸ್ವೈಗ್ ಅವರ 'ವಿಮೋಚನೆಯ ನಕ್ಷತ್ರ' (1921) ನನಗೆ ಕಬ್ಬಿಣದ ಕಡಲೆ. ಮೊದಲ ಭಾಗ ದಾಟಲಾಗಲಿಲ್ಲ. 1923ರಲ್ಲಿ ಅವರು ಬೂಬರ್ ಅವರಿಗೇ ಬರೆದ 'ಕಟ್ಟುವವರು' ಎಂಬ ಚಿಕ್ಕ ಬಹಿರಂಗ ಪತ್ರ ಮಾತ್ರ ಬಹಳ ಇಷ್ಟವಾಯಿತು. ಹೊರಗೆ ನಿಂತಿರುವ ಕಾನೂನು ನನಗೇ ಹೇಳಿದ ಆಜ್ಞೆಯಾಗಬೇಕು, ನನ್ನಿಂದ ಆಗುವಷ್ಟರಿಂದ ಶುರುಮಾಡಬೇಕು ಅನ್ನುತ್ತಾರೆ.

'ಜೆರುಸಲೇಮ್' ಬಂದದ್ದು 1783ರಲ್ಲಿ. ಹಿಂದಿನ ವರ್ಷ ಹೆಸರಿಲ್ಲದ ಒಂದು ಕಿರುಹೊತ್ತಿಗೆ ಮೆಂಡೆಲ್‌ಸೋನ್ ಅವರನ್ನು ಕೆಣಕಿತ್ತು: ಧರ್ಮ ಯಾರನ್ನೂ ಬಲವಂತ ಮಾಡಬಾರದು ಅನ್ನುವ ನೀವು ಮೋಶೆಯ ಕಾನೂನನ್ನು, ಅಂದರೆ ಯೆಹೂದಿಗಳ ಕಟ್ಟಳೆಗಳನ್ನು, ಹೇಗೆ ಒಪ್ಪುತ್ತೀರಿ? ನನ್ನ ಪ್ರಶ್ನೆಯೂ ಇದರ ಪಕ್ಕದ್ದೇ. ಅವರು ನೇರವಾಗಿ ಉತ್ತರಿಸುತ್ತಾರೆ. ದೇವರು ಯೆಹೂದಿಗಳಿಗೆ ಕೊಟ್ಟದ್ದು ನಂಬಲೇಬೇಕಾದ ಸಿದ್ಧಾಂತವಲ್ಲ, ನಡೆಯ ಕಟ್ಟಳೆ. ದಂಡ ವಿಧಿಸುವ ಅಧಿಕಾರ ಹಳೆಯ ಯೆಹೂದಿ ರಾಜ್ಯದ ಜೊತೆಗೇ ಹೋಯಿತು, ಆಚರಣೆ ಉಳಿಯಿತು. ಕಟ್ಟಳೆ ಅಂದರೆ ಬದುಕಿರುವ ಬರಹ ಅನ್ನುವ ಭಾಗವನ್ನು ಮೂರು ಸಲ ಓದಿದೆ. ಚಿತ್ರ, ಅಕ್ಷರಗಳು ವಿಗ್ರಹವಾಗಿಬಿಡಬಹುದು. ಮಾಡುವ ಕೆಲಸ ಹಾಗಲ್ಲ, ಮಾಡಿದೊಡನೆ ಮುಗಿಯುತ್ತದೆ. ಯಾಕೆ ಮಾಡುವುದು ಎಂದು ಕೇಳಲು ಇನ್ನೊಬ್ಬರ ಹತ್ತಿರ ಹೋಗಲೇಬೇಕು. ಅಡುಗೆಮನೆ ಬಾಗಿಲಲ್ಲಿ ನಿಂತು ಅಜ್ಜಿಯನ್ನು ನಾನು ಕೇಳುತ್ತಿದ್ದೆನಲ್ಲ, ಹಾಗೆ.

ನಾನು ಬಸ್ಸಿನಲ್ಲಿ ಓದುವವಳು, ತೆಳ್ಳಗಿನ ಪುಸ್ತಕವೇ ನನಗೆ ಸರಿ. ದುಡ್ಡು ಕಡಿಮೆ ಇದ್ದರೆ 'ಜೆರುಸಲೇಮ್'ನ 1838ರ ಹಳೆಯ ಇಂಗ್ಲಿಷ್ ಅನುವಾದ ಪುಕ್ಕಟೆ ಸಿಗುತ್ತದೆ. ನಾನು ಕೊಂಡದ್ದು ಅಲನ್ ಆರ್ಕುಷ್ ಅವರ 1983ರ ಅನುವಾದ, ಅದರಲ್ಲಿರುವ ವಿದ್ವಾಂಸ ಅಲೆಕ್ಸಾಂಡರ್ ಆಲ್ಟ್‌ಮನ್ ಅವರ ಟಿಪ್ಪಣಿಗಳಿಗೋಸ್ಕರ. ಮೊದಲ ಭಾಗ ರಾಜ್ಯ ಮತ್ತು ಧರ್ಮಸಂಸ್ಥೆಯ ಹಕ್ಕುಗಳ ಮೇಲೆ, ನಿಧಾನ. ಎರಡನೆಯದರಿಂದ ಶುರುಮಾಡಿ, ಆಮೇಲೆ ಹಿಂದಕ್ಕೆ ಬನ್ನಿ.