ಸರ್ವಿಸ್ ರಿಮೈಂಡರ್ ರೀಸೆಟ್: ಬಟನ್, ಮೆನು, ಫೋನ್ ಆ್ಯಪ್, ಸ್ಕ್ಯಾನರ್ – ಐದು ಕಾರುಗಳ ಮೇಲೆ ಮಾಡಿ ನೋಡಿದ ಹೋಲಿಕೆ

ಮನೆಯಲ್ಲೇ ಇಂಜಿನ್ ಆಯಿಲ್ ಬದಲಿಸಿ, ಹೊಸ ಫಿಲ್ಟರ್ ಕೂರಿಸಿ, ಡ್ರೈನ್ ಪ್ಲಗ್ ಬಿಗಿ ಮಾಡಿ, ಡಿಪ್‌ಸ್ಟಿಕ್ ಎಳೆದು ನೋಡಿ, ಎಲ್ಲವೂ ಸರಿಯಿದೆ ಎಂದುಕೊಂಡು ಕೀ ತಿರುಗಿಸಿದರೆ ಮೀಟರಿನಲ್ಲಿ ಸ್ಪ್ಯಾನರಿನ ಚಿತ್ರ ಮೊದಲಿನಂತೆಯೇ ಉರಿಯುತ್ತಿರುತ್ತದೆ. ಆಯಿಲ್ ಬದಲಾಗಿದೆ ಎಂಬುದು ಕಾರಿಗೆ ತಾನಾಗಿ ತಿಳಿಯುವುದಿಲ್ಲ, ನಾವು ತಿಳಿಸಬೇಕು. ಹಾಗೆ ತಿಳಿಸುವುದಕ್ಕೆ ಇರುವ ದಾರಿಗಳನ್ನು ಕಳೆದ ಕೆಲವು ವರ್ಷಗಳಲ್ಲಿ ನಮ್ಮ ಮನೆಯ, ನೆಂಟರ ಮತ್ತು ಗೆಳೆಯರ ಒಟ್ಟು ಐದು ಕಾರುಗಳ ಮೇಲೆ ಒಂದೊಂದಾಗಿ ಪ್ರಯತ್ನಿಸಿದ್ದೇನೆ: ಟೊಯೊಟಾ ಮತ್ತು ಹೋಂಡಾ ಪೆಟ್ರೋಲ್ ಕಾರುಗಳು, ಇ90 ಸರಣಿಯ ಒಂದು ಬಿಎಂಡಬ್ಲ್ಯು, ಫೋಕ್ಸ್‌ವ್ಯಾಗನ್ನಿನ ಒಂದು ಡೀಸೆಲ್ ಕಾರು, ಹೊಗೆಯ ಮಸಿ ಹಿಡಿಯುವ ಪರ್ಟಿಕ್ಯುಲೇಟ್ ಫಿಲ್ಟರ್ ಇರುವ ಫಿಯಟ್ ಮಲ್ಟಿಜೆಟ್ ಡೀಸೆಲ್ ಕಾರು. ಯಾವ ದಾರಿ ಸುಲಭ ಎಂದು ತಿಳಿಯಲು ಆರಂಭಿಸಿದ ನನಗೆ ಬರಬರುತ್ತ ಹೆಚ್ಚು ಮುಖ್ಯವಾಗಿ ಕಂಡದ್ದು ಇನ್ನೊಂದು ಪ್ರಶ್ನೆ: ದೀಪವೇನೋ ಆರಿತು, ಆದರೆ ಒಳಗೆ ಹೊಸದಾಗಿ ಆರಂಭವಾದದ್ದು ಯಾವ ಲೆಕ್ಕ?

ಹೋಲಿಕೆಗೆ ಮೊದಲು ಒಂದು ಎಚ್ಚರಿಕೆಯನ್ನು ಹೇಳಲೇಬೇಕು. ಸರ್ವಿಸ್ ರಿಮೈಂಡರ್, ಚೆಕ್ ಇಂಜಿನ್ ದೀಪ ಮತ್ತು ಆಯಿಲ್ ಕ್ಯಾನಿನ ಆಕಾರದ ಕೆಂಪು ದೀಪ – ಈ ಮೂರೂ ಬೇರೆ ಬೇರೆ. ಮೊದಲನೆಯದು, ಅಂದರೆ ಸ್ಪ್ಯಾನರಿನ ಚಿತ್ರ, ಸರ್ವಿಸ್ ಮಾಡುವ ಹೊತ್ತಾಯಿತು ಎಂಬ ಬರೀ ಲೆಕ್ಕದ ಸೂಚನೆ. ಎರಡನೆಯದು ಇಂಜಿನ್ ಕಂಪ್ಯೂಟರ್ ದಾಖಲಿಸಿದ ದೋಷದ ಸೂಚನೆ. ಮೂರನೆಯದು ಇಂಜಿನ್ ಓಡುತ್ತಿರುವಾಗ ಹೊತ್ತಿಕೊಂಡರೆ ಆಯಿಲ್ ಒತ್ತಡ ಕುಸಿದಿದೆ ಎಂದರ್ಥ. ಆಗ ತಕ್ಷಣ ಇಂಜಿನ್ ನಿಲ್ಲಿಸಬೇಕೇ ಹೊರತು ರೀಸೆಟ್‌ನ ಯೋಚನೆಯನ್ನೇ ಮಾಡಬಾರದು. ಇಲ್ಲಿ ಬರೆದಿರುವುದೆಲ್ಲ ಮೊದಲನೆಯದಕ್ಕೆ ಮಾತ್ರ ಸಂಬಂಧಿಸಿದ್ದು.

ಟ್ರಿಪ್ ಬಟನ್ನಿನ ವಿಧಾನ ಎಲ್ಲಕ್ಕಿಂತ ಹಳೆಯದು, ಮತ್ತು ಅದಕ್ಕೆ ಹೊಂದುವ ಕಾರುಗಳಲ್ಲಿ ಅದನ್ನು ಮೀರಿಸುವ ದಾರಿ ನನಗೆ ಸಿಕ್ಕಿಲ್ಲ. ಟೊಯೊಟಾದಲ್ಲಿ ಇಗ್ನಿಷನ್ ಆನ್ ಮಾಡಿ, ಪರದೆಯಲ್ಲಿ ಒಂದು ಪ್ರಯಾಣದ ದೂರ ಅಳೆಯುವ ಟ್ರಿಪ್ ಎ ಕಾಣುವಂತೆ ಮಾಡಿಕೊಂಡು, ಇಗ್ನಿಷನ್ ಆಫ್ ಮಾಡಬೇಕು. ಬಳಿಕ ಟ್ರಿಪ್ ಬಟನ್ನನ್ನು ಒತ್ತಿ ಹಿಡಿದುಕೊಂಡೇ ಮತ್ತೆ ಇಗ್ನಿಷನ್ ಆನ್ ಮಾಡಬೇಕು, ಇಂಜಿನ್ ಸ್ಟಾರ್ಟ್ ಮಾಡಬಾರದು. ಹೆಬ್ಬೆರಳು ಬಟನ್ ಮೇಲಿರುವಾಗಲೇ ಪರದೆಯಲ್ಲಿ ಸಣ್ಣ ಗೆರೆಗಳ ಸಾಲೊಂದು ಮೂಡಿ, ಒಂದೊಂದಾಗಿ ಮಾಯವಾಗಿ, ಕೊನೆಗೆ 000000 ಎಂದು ಕಾಣಿಸಿಕೊಳ್ಳುತ್ತದೆ. ಆ ಸೊನ್ನೆಗಳು ಕಾಣುವ ತನಕ ಬೆರಳು ತೆಗೆಯಬಾರದು. ಮೊದಲ ಸಲ ನಾನು ಎರಡು ಗೆರೆ ಉಳಿದಿರುವಾಗಲೇ ಕೈ ಬಿಟ್ಟಿದ್ದರಿಂದ ಏನೂ ಆಗಲಿಲ್ಲ. ಎರಡನೆಯ ಸಲ ಪರದೆ ಟ್ರಿಪ್ ಬಿ ಯಲ್ಲಿದ್ದುದರಿಂದ ಗೆರೆಗಳೇ ಮೂಡಲಿಲ್ಲ. ಮೂರನೆಯದು ಸರಿಯಾಯಿತು, ಒಟ್ಟು ಎರಡು ನಿಮಿಷವೂ ಹಿಡಿಯಲಿಲ್ಲ. ಈ ಕಾರಿನ ಲೆಕ್ಕ ದೂರವನ್ನು ಮಾತ್ರ ಎಣಿಸುವಂಥದ್ದಾದ್ದರಿಂದ ಇದರಲ್ಲಿ ಗೊಂದಲಕ್ಕೂ ಜಾಗವಿಲ್ಲ: ಸೊನ್ನೆಯಾದದ್ದು ಏನು ಎಂಬುದು ಕಣ್ಣೆದುರಿಗೇ ಇರುತ್ತದೆ.

ಹೋಂಡಾದಲ್ಲೂ ಬಟನ್ನೇ, ಆದರೆ ಒಳಗಿನ ಲೆಕ್ಕ ಬೇರೆ. ಅದರ ಮೇಂಟೆನೆನ್ಸ್ ಮೈಂಡರ್ ವ್ಯವಸ್ಥೆಯು ಇಂಜಿನ್ನಿನ ಬಿಸಿ, ಓಟದ ರೀತಿ, ಹೊರೆ ಇವುಗಳನ್ನು ಗಮನಿಸಿ ಆಯಿಲ್‌ನ ಉಳಿದ ಆಯುಷ್ಯವನ್ನು ಶೇಕಡಾವಾರು ಅಂದಾಜು ಮಾಡುತ್ತದೆ. 15ಕ್ಕೆ ಇಳಿದಾಗ ಸ್ಪ್ಯಾನರ್ ಹೊತ್ತಿಕೊಳ್ಳುತ್ತದೆ. ಜೊತೆಗೆ ಎ, ಬಿ ಎಂಬ ಅಕ್ಷರಗಳೂ ಅಂಕಿಗಳೂ ಬರುತ್ತವೆ. ಎ ಎಂದರೆ ಆಯಿಲ್ ಬದಲಾವಣೆ, ಬಿ ಎಂದರೆ ಆಯಿಲ್ ಮತ್ತು ಫಿಲ್ಟರಿನ ಜೊತೆಗೆ ಬ್ರೇಕ್ ಮುಂತಾದವುಗಳ ತಪಾಸಣೆ. ಆಯುಷ್ಯ ಕಾಣುವ ಪರದೆಯಲ್ಲಿ ಸೆಲೆಕ್ಟ್-ರೀಸೆಟ್ ಬಟನ್ನನ್ನು ಹತ್ತು ಸೆಕೆಂಡಿಗಿಂತ ಹೆಚ್ಚು ಒತ್ತಿ ಹಿಡಿದಾಗ ಸೂಚನೆ ಮಿನುಗತೊಡಗುತ್ತದೆ. ಬಿಟ್ಟು, ಮತ್ತೆ ಐದು ಸೆಕೆಂಡಿಗಿಂತ ಹೆಚ್ಚು ಒತ್ತಿದರೆ ನೂರಕ್ಕೆ ಮರಳುತ್ತದೆ. ಇಲ್ಲಿ ಒಂದು ಸಂಗತಿಯನ್ನು ಗಟ್ಟಿಯಾಗಿ ಹೇಳಬೇಕೆನಿಸುತ್ತದೆ. ಈ ವ್ಯವಸ್ಥೆ ಆಯಿಲ್ಲನ್ನು ಪರೀಕ್ಷಿಸಿ ನೋಡುವುದಿಲ್ಲ, ಅಂದಾಜು ಮಾಡುತ್ತದೆ ಅಷ್ಟೇ. ಹಳೆಯ ಆಯಿಲ್ ಒಳಗಿರುವಾಗಲೇ ರೀಸೆಟ್ ಮಾಡಿದರೂ ಅದು ನಂಬಿಕೆಯಿಂದ ನೂರು ಎಂದೇ ತೋರಿಸುತ್ತದೆ, ಮತ್ತು ಮುಂದಿನ ಸೂಚನೆಯಷ್ಟೂ ಆ ಸುಳ್ಳಿನ ಮೇಲೆಯೇ ನಿಲ್ಲುತ್ತದೆ.

ಪೆಡಲ್ ಒತ್ತಿ ಮಾಡುವ ವಿಧಾನಗಳನ್ನು ನಾನು ಸ್ವತಃ ಮಾಡಿ ನೋಡಿಲ್ಲವಾದ್ದರಿಂದ ಹೋಲಿಕೆಗೆ ತೆಗೆದುಕೊಂಡಿಲ್ಲ. ಜನರಲ್ ಮೋಟಾರ್ಸ್‌ನ ಅನೇಕ ಹಳೆಯ ಮಾದರಿಗಳಲ್ಲಿ ಇಗ್ನಿಷನ್ ಆನ್ ಇದ್ದು ಇಂಜಿನ್ ಆಫ್ ಇರುವಾಗ ಐದು ಸೆಕೆಂಡಿನೊಳಗೆ ಆಕ್ಸಿಲರೇಟರನ್ನು ಮೂರು ಸಲ ಪೂರ್ತಿ ಒತ್ತುವ ಕ್ರಮ ಕೈಪಿಡಿಯಲ್ಲೇ ಇದೆ, ಅಷ್ಟನ್ನು ಹೇಳಿ ಮುಂದೆ ಹೋಗುತ್ತೇನೆ.

ಮೆನುವಿನ ದಾರಿ ಬಟನ್ನಿಗಿಂತ ನಿಧಾನ, ಆದರೆ ಹೆಚ್ಚು ಮಾತನಾಡುತ್ತದೆ. ಬಿಎಂಡಬ್ಲ್ಯು ಕಾರಿನ ಕಂಡೀಷನ್ ಬೇಸ್ಡ್ ಸರ್ವಿಸ್ ಪಟ್ಟಿಯಲ್ಲಿ ಇಂಜಿನ್ ಆಯಿಲ್, ಮುಂದಿನ ಬ್ರೇಕ್ ಪ್ಯಾಡ್, ಹಿಂದಿನ ಬ್ರೇಕ್ ಪ್ಯಾಡ್, ಬ್ರೇಕ್ ಫ್ಲೂಯಿಡ್ ಹೀಗೆ ಒಂದೊಂದಕ್ಕೂ ತನ್ನದೇ ಲೆಕ್ಕವಿದೆ. ಇಂಜಿನ್ ಸ್ಟಾರ್ಟ್ ಮಾಡದೆ ಇಗ್ನಿಷನ್ ಆನ್ ಮಾಡಿ, ಮೀಟರಿನ ಬಟನ್ನನ್ನು ಒತ್ತಿ ಹಿಡಿದಾಗ ಪಟ್ಟಿ ತೆರೆದುಕೊಳ್ಳುತ್ತದೆ. ಬೇಕಾದ ಅಂಶಕ್ಕೆ ಬಂದು ಮತ್ತೆ ಒತ್ತಿ ಹಿಡಿದರೆ ರೀಸೆಟ್ ಮಾಡಬೇಕೇ ಎಂದು ಕೇಳುತ್ತದೆ. ಇದರ ಗುಣ ನನಗೆ ಮನವರಿಕೆಯಾದದ್ದು ಬ್ರೇಕ್ ಪ್ಯಾಡ್ ಬದಲಿಸಿದ ದಿನ. ಹೊಸ ಪ್ಯಾಡ್ ಹಾಕಿಯೂ ಸವೆದು ಹೋಗಿದ್ದ ಹಳೆಯ ಸೆನ್ಸರ್ ತಂತಿಯನ್ನು ಹಾಗೆಯೇ ಬಿಟ್ಟಿದ್ದೆವು; ಕಾರು ರೀಸೆಟ್ ಮಾಡಲು ಒಪ್ಪಲಿಲ್ಲ. ಹೊಸ ಸೆನ್ಸರ್ ಹಾಕಿದ ಮೇಲೆ ಮೊದಲ ಪ್ರಯತ್ನಕ್ಕೇ ಒಪ್ಪಿತು. ಕೇಳಿದ್ದಕ್ಕೆಲ್ಲ ಹೂಂಗುಟ್ಟದೆ ತಡೆದು ನಿಲ್ಲಿಸುವ ಈ ಗುಣ ಫೋನ್ ಆ್ಯಪ್‌ಗಳಲ್ಲಿ ನನಗೆ ಕಾಣಲಿಲ್ಲ.

ಬ್ಯಾಟರಿ ಕಳಚಿದರೆ ಎಲ್ಲವೂ ಅಳಿಸಿಹೋಗುತ್ತದೆ ಎಂಬ ಮಾತು ಬಹಳ ಕಡೆ ಓಡಾಡುತ್ತದೆ. ಟೊಯೊಟಾದಲ್ಲಿ ನೆಗೆಟಿವ್ ಟರ್ಮಿನಲ್ಲನ್ನು ಅರ್ಧ ಗಂಟೆ ಕಳಚಿಟ್ಟು ನೋಡಿದೆ. ಗಡಿಯಾರ ಹೊಸದಾಗಿ ಆರಂಭವಾಯಿತು, ರೇಡಿಯೋದ ಸ್ಟೇಷನ್‌ಗಳು ಹೋದವು, ಕಿಟಕಿ ಒಂದೇ ಒತ್ತಿಗೆ ಪೂರ್ತಿ ಏರುವುದನ್ನು ನಿಲ್ಲಿಸಿತು. ರಿಮೈಂಡರ್ ಮಾತ್ರ ಇದ್ದಲ್ಲೇ ಇತ್ತು. ವಿದ್ಯುತ್ ಇಲ್ಲದಿದ್ದರೂ ಮಾಹಿತಿಯನ್ನು ಉಳಿಸಿಕೊಳ್ಳುವ ಮೆಮೊರಿಯಲ್ಲಿ ಓಡೋಮೀಟರಿನ ಅಂಕಿಯಿರುವಂತೆ ಈ ಲೆಕ್ಕವೂ ಇರುವುದೇ ಕಾರಣ. ಇದರಿಂದ ಲಾಭವಿಲ್ಲ ಎಂದಷ್ಟೇ ಹೇಳಿದರೆ ಸಾಲದು, ನಷ್ಟವೂ ಇದೆ. ಬಿಎಂಡಬ್ಲ್ಯುನಂಥ ಕಾರಿನಲ್ಲಿ ಬ್ರೇಕ್ ಫ್ಲೂಯಿಡ್‌ನ ಲೆಕ್ಕ ದಿನಾಂಕವನ್ನು ಅವಲಂಬಿಸಿದೆ. ಬ್ಯಾಟರಿ ಕಳಚಿ ದಿನಾಂಕ ತಪ್ಪಿಹೋದ ಮೇಲೆ ಅದನ್ನು ಸರಿಪಡಿಸದೆ ರೀಸೆಟ್ ಮಾಡಿದರೆ ಮುಂದಿನ ಗಡುವೂ ತಪ್ಪಾಗಿಯೇ ಬರೆದುಕೊಳ್ಳುತ್ತದೆ.

ಗೆಳೆಯನೊಬ್ಬನ ಫೋಕ್ಸ್‌ವ್ಯಾಗನ್ ಕಾರು ನನಗೆ ಹೆಚ್ಚು ಕಲಿಸಿತು. ಅದರಲ್ಲೂ ಮೀಟರಿನ 0.0 ಎಂಬ ಗುರುತಿನ ಬಟನ್ನನ್ನು ಒತ್ತಿ ಹಿಡಿದು ಇಗ್ನಿಷನ್ ಆನ್ ಮಾಡುವ ಕ್ರಮವಿದೆ, ಅದು ಸಲೀಸಾಗಿ ಕೆಲಸವನ್ನೂ ಮಾಡಿತು. ಆದರೆ ಆ ಕಾರು ಅಲ್ಲಿಯವರೆಗೆ ಲಾಂಗ್‌ಲೈಫ್ ಎಂಬ ಬದಲಾಗುವ ಅವಧಿಯಲ್ಲಿ, ಅಂದರೆ ಓಟದ ರೀತಿಯನ್ನು ನೋಡಿ 30,000 ಕಿ.ಮೀ. ಅಥವಾ ಎರಡು ವರ್ಷದವರೆಗೆ ಹಿಗ್ಗುವ ಅವಧಿಯಲ್ಲಿ ನಡೆಯುತ್ತಿತ್ತು; ಬಟನ್ನಿನಿಂದ ರೀಸೆಟ್ ಮಾಡಿದ ಕೂಡಲೇ ಅದು 15,000 ಕಿ.ಮೀ. ಅಥವಾ ಒಂದು ವರ್ಷದ ಸ್ಥಿರ ಅವಧಿಗೆ ಇಳಿಯಿತು. ಮೊದಲು ಇದನ್ನು ದೋಷವೆಂದು ಭಾವಿಸಿ, ಲ್ಯಾಪ್‌ಟಾಪಿಗೆ ಕೇಬಲ್ ಹಾಕಿ ಫೋಕ್ಸ್‌ವ್ಯಾಗನ್ ಸಮೂಹದ ಕಾರುಗಳಿಗೆಂದೇ ಇರುವ ವಿಸಿಡಿಎಸ್ ತಂತ್ರಾಂಶದ ಸರ್ವಿಸ್ ರೀಸೆಟ್ ಭಾಗದಿಂದ ಹಳೆಯ ಅವಧಿಯನ್ನು ಮರಳಿ ಬರೆಸಿದೆವು. ಆಮೇಲೆ ಕೈಪಿಡಿ ಓದಿದಾಗ ಇದು ಉದ್ದೇಶಪೂರ್ವಕವಾಗಿಯೇ ಮಾಡಿದ ಏರ್ಪಾಡು ಎಂದು ತಿಳಿಯಿತು. ದೀರ್ಘ ಅವಧಿಗೆ ಫೋಕ್ಸ್‌ವ್ಯಾಗನ್ 507 00 ಎಂದು ಹೆಸರಿಸಿರುವ ಗುಣಮಟ್ಟದ ಆಯಿಲ್ ಬೇಕು. ಬಟನ್ ಒತ್ತಿದವರು ಯಾವ ಆಯಿಲ್ ಹಾಕಿದ್ದಾರೆಂಬುದು ಕಾರಿಗೆ ಗೊತ್ತಿಲ್ಲದ್ದರಿಂದ ಅದು ಕಡಿಮೆ ಅವಧಿಯನ್ನೇ ಹಿಡಿಯುತ್ತದೆ. ನಾವು ಹಾಕಿದ್ದು ಆ ಗುಣಮಟ್ಟದ್ದೇ ಆಗಿದ್ದರಿಂದ ತೊಂದರೆಯಾಗಲಿಲ್ಲ. ಆದರೂ ಮನೆಯಲ್ಲಿ ಕೆಲಸ ಮಾಡುವವರಿಗೆ ಬಟನ್ ಕೊಡುವ ಸ್ಥಿರ ಅವಧಿಯೇ ಮೇಲು ಎಂಬುದು ಈಗ ನನ್ನ ಅಭಿಪ್ರಾಯ, ಮತ್ತು ಗೆಳೆಯನೂ ಮುಂದಿನ ಸಲ ಅದನ್ನೇ ಉಳಿಸಿಕೊಂಡ.

ಫೋನ್ ಆ್ಯಪ್ ವಿಷಯಕ್ಕೆ ಬಂದರೆ, ಇಲ್ಲಿನ ಬಹುಪಾಲು ನಿರಾಸೆಗೆ ಮೂಲ ಒಂದು ತಪ್ಪು ತಿಳಿವಳಿಕೆ. ಸ್ಟೀರಿಂಗ್ ಕೆಳಗಿರುವ ಹದಿನಾರು ಪಿನ್ನಿನ ಓಬಿಡಿ ಪೋರ್ಟ್ (ಕಾರಿನ ಕಂಪ್ಯೂಟರಿಗೆ ಹೊರಗಿನ ಉಪಕರಣ ಜೋಡಿಸುವ ಜಾಗ) ಅಮೆರಿಕದಲ್ಲಿ 1996ರ ಮಾದರಿಗಳಿಂದ ಕಡ್ಡಾಯವಾಯಿತು. ಯುರೋಪಿನಲ್ಲಿ 2001ರಿಂದ ಪೆಟ್ರೋಲ್ ಕಾರುಗಳಿಗೂ ಅನಂತರ ಡೀಸೆಲ್ ಕಾರುಗಳಿಗೂ ಬಂತು. ಆ ನಿಯಮದ ಉದ್ದೇಶ ಹೊಗೆಯ ನಿಯಂತ್ರಣ. ಹಾಗಾಗಿ ಎಲ್ಲ ಕಾರುಗಳಿಗೂ ಸಾಮಾನ್ಯವಾಗಿರುವ ಆಜ್ಞೆಗಳಿಂದ ಇಂಜಿನ್ನಿನ ದೋಷ ಸಂಕೇತಗಳನ್ನು ಓದಬಹುದು, ಅಳಿಸಬಹುದು; ಸರ್ವಿಸ್ ಲೆಕ್ಕ ಆ ಪಟ್ಟಿಯಲ್ಲೇ ಇಲ್ಲ. ಅದು ತಯಾರಕರ ಸ್ವಂತ ಭಾಷೆಯಲ್ಲಿ, ಹೆಚ್ಚಾಗಿ ಮೀಟರಿನ ಕಂಪ್ಯೂಟರಿನೊಳಗೆ ಇರುತ್ತದೆ. ನಾನು ಮೊದಲು ಬಳಸಿದ ಸಾಮಾನ್ಯ ಆ್ಯಪ್‌ನಲ್ಲಿ 'ಕ್ಲಿಯರ್' ಒತ್ತಿದಾಗ ಸ್ಪ್ಯಾನರ್ ಆರದೆ ಉಳಿದದ್ದು ಇದೇ ಕಾರಣಕ್ಕೆ. ತಯಾರಕರಿಗೆ ತಕ್ಕಂತೆ ಮಾಡಿದ ಇನ್ನೊಂದು ಆ್ಯಪ್ ತೆಗೆದುಕೊಂಡು, ಆ ಪೋರ್ಟಿಗೆ ಸಿಕ್ಕಿಸುವ, ಇಎಲ್ಎಂ327 ಎಂಬ ಚಿಪ್ಪಿನ ಅಗ್ಗದ ನಕಲಿರುವ ಬ್ಲೂಟೂತ್ ಅಡಾಪ್ಟರಿನ ಮೂಲಕ ಫೋಕ್ಸ್‌ವ್ಯಾಗನ್ನಿಗೆ ಜೋಡಿಸಿದಾಗ ಆದದ್ದು ಇನ್ನೂ ಬೇಸರದ ಸಂಗತಿ: ಬರೆಯುವ ಹೊತ್ತಿಗೆ ಸಂಪರ್ಕ ಒಂದು ಕ್ಷಣ ತಪ್ಪಿ ಮತ್ತೆ ಕೂಡಿಕೊಂಡಿತು, ಆ್ಯಪ್ 'ಯಶಸ್ವಿ' ಎಂದು ಹಸಿರು ಗುರುತು ತೋರಿಸಿತು, ಆದರೆ ಇಗ್ನಿಷನ್ ಆಫ್ ಮಾಡಿ ಆನ್ ಮಾಡಿದರೆ ಮೀಟರಿನಲ್ಲಿ ಹಳೆಯ ಅಂಕಿಯೇ ಇತ್ತು. ಮೊದಲ ಸಲ ಆ್ಯಪ್ ಹಾಕಿಕೊಂಡು, ಅಡಾಪ್ಟರ್ ಜೋಡಿಸಿ, ಕಾರನ್ನು ಗುರುತಿಸುವಂತೆ ಮಾಡಿ ಮುಗಿಸಲು ಮುಕ್ಕಾಲು ಗಂಟೆ ಹಿಡಿಯಿತು. ಒಳ್ಳೆಯ ಅಡಾಪ್ಟರ್ ಬಳಸಿದ ಮೇಲೆ ಐದೇ ನಿಮಿಷದ ಕೆಲಸವಾಯಿತು ಎಂಬುದನ್ನೂ ಹೇಳಬೇಕು.

ಸ್ಕ್ಯಾನರ್, ಅಂದರೆ ಕಾರಿನ ಕಂಪ್ಯೂಟರುಗಳನ್ನು ಓದಿ ಬರೆಯಲು ಮೆಕ್ಯಾನಿಕ್‌ಗಳು ಬಳಸುವ ಉಪಕರಣ, ತನ್ನ ಯೋಗ್ಯತೆಯನ್ನು ತೋರಿಸಿದ್ದು ಫಿಯಟ್ ಡೀಸೆಲ್‌ನಲ್ಲಿ. ಪರ್ಟಿಕ್ಯುಲೇಟ್ ಫಿಲ್ಟರಿನಲ್ಲಿ ತುಂಬಿದ ಮಸಿಯನ್ನು ಸುಡುವಾಗ ಇಂಜಿನ್ ಹೆಚ್ಚುವರಿ ಡೀಸೆಲ್ ಚಿಮ್ಮಿಸುತ್ತದೆ. ಅದರಲ್ಲಿ ಸ್ವಲ್ಪ ಭಾಗ ಸಿಲಿಂಡರಿನ ಗೋಡೆಯ ಮೂಲಕ ಇಳಿದು ಆಯಿಲ್‌ನಲ್ಲಿ ಬೆರೆತು ಅದನ್ನು ತೆಳುವಾಗಿಸುತ್ತದೆ. ಇದನ್ನು ಲೆಕ್ಕ ಹಾಕುವ ಆಯಿಲ್ ಸವಕಲಿನ ಅಂದಾಜು ಇಂಜಿನ್ ಕಂಪ್ಯೂಟರಿನಲ್ಲಿದೆ. ಕಿಲೋಮೀಟರ್ ಎಣಿಸುವ ಸರ್ವಿಸ್ ಲೆಕ್ಕ ಅದಕ್ಕಿಂತ ಬೇರೆಯೇ. ಆ ಕಾರನ್ನು ಒಂದು ಗ್ಯಾರೇಜಿನಲ್ಲಿ ಸರ್ವಿಸ್ ಮಾಡಿಸಿದ್ದರು. ಅಲ್ಲಿ ಸರ್ವಿಸ್ ಸೂಚನೆಯನ್ನು ಮಾತ್ರ ರೀಸೆಟ್ ಮಾಡಿ ಕಳಿಸಿದ್ದರಿಂದ, ಹೊಸ ಆಯಿಲ್ ಹಾಕಿ ಕೆಲವೇ ವಾರಗಳಲ್ಲಿ ಆಯಿಲ್ ದೀಪ (ಒತ್ತಡ ಕುಸಿದಾಗಿನಂತೆ ಒಂದೇ ಸಮನೆ ಉರಿಯದೆ, ಆಯಿಲ್ ಸವೆದಿದೆ ಎಂಬ ಸೂಚನೆಯಾಗಿ) ಮಿನುಗತೊಡಗಿ ಮನೆಯವರೆಲ್ಲ ಗಾಬರಿಯಾಗಿದ್ದರು. ಒಬ್ಬ ಮೆಕ್ಯಾನಿಕ್ ಗೆಳೆಯನಿಂದ ಸ್ಕ್ಯಾನರ್ ಎರವಲು ತಂದು ನೋಡಿದಾಗ ಸವಕಲಿನ ಅಂದಾಜು ಹಳೆಯ ಆಯಿಲ್‌ನದ್ದೇ ಮುಂದುವರಿದಿತ್ತು. ಆಯಿಲ್ ಬದಲಾವಣೆ ಎಂಬ ಆಯ್ಕೆಯನ್ನು ಒತ್ತಿ, ಇಗ್ನಿಷನ್ ಆಫ್ ಮಾಡಿ ಒಂದು ನಿಮಿಷ ಕಾದು ಮತ್ತೆ ಓದಿಸಿದಾಗ ಅದು ಹೊಸದಾಗಿ ಆರಂಭವಾಗಿತ್ತು. ಬಟನ್ ಎಷ್ಟು ಹೊತ್ತು ಒತ್ತಿ ಹಿಡಿದರೂ ಆ ಲೆಕ್ಕವನ್ನು ಮುಟ್ಟಲು ಆಗುತ್ತಿರಲಿಲ್ಲ. ಇಂಥ ಕಾರಿಗೆ ಸ್ಕ್ಯಾನರ್ ಅನಿವಾರ್ಯ ಎಂದೇ ನಾನು ಹೇಳುತ್ತೇನೆ.

ಆ್ಯಪ್ ಮತ್ತು ಸ್ಕ್ಯಾನರ್ ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ, ಸ್ಕ್ಯಾನರ್ ತಂತಿಯಿಂದ ಜೋಡಣೆಯಾಗುವುದರಿಂದ ಸಂಪರ್ಕ ತಪ್ಪುವ ಭಯವಿಲ್ಲ, ಮತ್ತು ನಾನು ಬಳಸಿದ್ದು ಬರೆಯುವ ಮೊದಲೇ ಬ್ಯಾಟರಿಯ ವೋಲ್ಟೇಜನ್ನು ಹೇಳಿ ಎಚ್ಚರಿಸಿತು. ಈ ಎಚ್ಚರಿಕೆಗೆ ಅರ್ಥವಿದೆ. ಇಂಜಿನ್ ಆಫ್ ಇಟ್ಟು ಇಗ್ನಿಷನ್ ಮಾತ್ರ ಆನ್ ಮಾಡಿ ಆ್ಯಪ್ ಜೊತೆ ಹೆಣಗಾಡುತ್ತಿದ್ದ ಇಪ್ಪತ್ತೈದು ನಿಮಿಷಗಳಲ್ಲಿ 12.4 ವೋಲ್ಟ್ ಇದ್ದ ಬ್ಯಾಟರಿ 11.9ಕ್ಕೆ ಇಳಿದದ್ದನ್ನು ನಾನೇ ನೋಡಿದ್ದೇನೆ. ಅಷ್ಟು ಇಳಿದ ಮೇಲೆ ಕಂಪ್ಯೂಟರಿಗೆ ಏನನ್ನೂ ಬರೆಸುವುದು ಒಳ್ಳೆಯದಲ್ಲ. ದೀಪ, ಫ್ಯಾನ್ ಎಲ್ಲ ಆಫ್ ಮಾಡಿ, ಸಾಧ್ಯವಿದ್ದರೆ ಚಾರ್ಜರ್ ಜೋಡಿಸಿಕೊಳ್ಳಬೇಕು. ಇನ್ನೊಂದೆಡೆ, ಸ್ಕ್ಯಾನರಿನ ದಾರಿಯೂ ಎಲ್ಲ ಕಾಲಕ್ಕೂ ತೆರೆದಿರುವುದಿಲ್ಲ. ಫಿಯಟ್ ಕ್ರೈಸ್ಲರ್ ಸಮೂಹವು 2018ರ ಸುಮಾರಿಗೆ ಸೆಕ್ಯೂರಿಟಿ ಗೇಟ್‌ವೇ ಅಳವಡಿಸಲು ಆರಂಭಿಸಿತು. ಅದಿರುವ ಕಾರುಗಳಲ್ಲಿ ಅನುಮತಿ ಪಡೆದ ಉಪಕರಣ ಮಾತ್ರ ಒಳಗೆ ಬರೆಯಬಲ್ಲದು. ನಮ್ಮಲ್ಲಿರುವ ಫಿಯಟ್ ಅದಕ್ಕಿಂತ ಹಳೆಯದಾದ್ದರಿಂದ ಈ ತಡೆ ಎದುರಾಗಲಿಲ್ಲ.

ಈಗ ಟೊಯೊಟಾ, ಹೋಂಡಾ ಮತ್ತು ಫೋಕ್ಸ್‌ವ್ಯಾಗನ್‌ಗೆ ಬಟನ್, ಬಿಎಂಡಬ್ಲ್ಯುಗೆ ದಿನಾಂಕ ನೋಡಿಕೊಂಡು ಮೆನು, ಫಿಯಟ್‌ಗೆ ಸ್ಕ್ಯಾನರ್ ಎಂದು ನಿಗದಿಯಾಗಿದೆ. ಆ್ಯಪ್ ಮತ್ತು ಅಡಾಪ್ಟರನ್ನು ದೋಷ ಸಂಕೇತ ಓದಲು ಇಟ್ಟುಕೊಂಡಿದ್ದೇನೆ. ಲೆಕ್ಕ ಬರೆಸಲು ಬಳಸುವುದಿಲ್ಲ. ಯಾವ ದಾರಿ ಹಿಡಿದರೂ ಇಗ್ನಿಷನ್ ಆಫ್ ಮಾಡಿ, ಬಾಗಿಲು ಮುಚ್ಚಿ, ಕೆಲವು ನಿಮಿಷ ಬಿಟ್ಟು ಮತ್ತೆ ಆನ್ ಮಾಡಿ, ಅಂಕಿ ತೋರಿಸುವ ಕಾರುಗಳಲ್ಲಿ ಮುಂದಿನ ಸರ್ವಿಸ್‌ಗೆ ಉಳಿದ ದೂರವನ್ನೋ ಆಯುಷ್ಯವನ್ನೋ ಓದಿ, ಓಡೋಮೀಟರಿನ ಅಂಕಿ ಮತ್ತು ಹಾಕಿದ ಆಯಿಲ್‌ನ ಗುಣಮಟ್ಟದ ಪಕ್ಕದಲ್ಲಿ ಬರೆದಿಡುತ್ತೇನೆ. ಕಳೆದ ಸಲ ಫಿಯಟ್‌ನಲ್ಲಿ ಮೊದಲ ನೂರು ಕಿಲೋಮೀಟರ್ ಓಡಿಸಿದ ಮೇಲೆ ಸವಕಲಿನ ಅಂದಾಜನ್ನು ಇನ್ನೊಮ್ಮೆ ಓದಿಸಿದೆ. ಅದು ಹೊಸ ಆರಂಭದಿಂದ ಅಲ್ಪವೇ ಸರಿದಿತ್ತು, ಆಯಿಲ್ ದೀಪ ಮತ್ತೆ ಮಿನುಗಿಲ್ಲ.