121 ಸೋಲು, 11 ಟಿಕೆಟ್: ಶಿಕಾಗೋದ 35ನೇ ಬೀದಿಯ ಮೈದಾನ

ನಮ್ಮ ಕನ್ನಡ ಕೂಟದ ಗೆಳತಿಯೊಬ್ಬಳು ಮೊನ್ನೆ ಫೋನ್ ಮಾಡಿದ್ದಳು. ಬೇಸಿಗೆಗೆ ಅವಳ ಅತ್ತೆ ಮಾವ ಊರಿಂದ ಬರುತ್ತಿದ್ದಾರೆ. ಮಾವನಿಗೆ ಕ್ರಿಕೆಟ್ ಹುಚ್ಚು. "ವೈಟ್ ಸಾಕ್ಸ್ ಮ್ಯಾಚಿಗೆ ಕರ್ಕೊಂಡು ಹೋಗ್ಲಾ? ಅವರು ಬರೀ ಸೋಲ್ತಾರಂತಲ್ಲ" ಅಂತ ಕೇಳಿದಳು. ವೈಟ್ ಸಾಕ್ಸ್ ಅಂದರೆ ಶಿಕಾಗೋದ ಬೇಸ್‌ಬಾಲ್ ತಂಡ. ಅವಳಿಗೆ ಹೇಳಿದ್ದನ್ನೇ ಇಲ್ಲಿ ಸ್ವಲ್ಪ ಬಿಡಿಸಿ ಬರೆಯುತ್ತಿದ್ದೇನೆ. ಅಪ್ಪ ಅಮ್ಮನನ್ನು ಇಲ್ಲಿಗೆ ಕರೆಸಿಕೊಳ್ಳುವ ಬೇರೆಯವರಿಗೂ ಉಪಯೋಗ ಆಗಬಹುದು.

ನಾನು ಹೋಗಿದ್ದು ಅವರು ಜಾಸ್ತಿ ಸೋತ ವರ್ಷವೇ. 2024ರಲ್ಲಿ ಶಿಕಾಗೋ ವೈಟ್ ಸಾಕ್ಸ್ ತಂಡ 162 ಮ್ಯಾಚ್ ಆಡಿ 41 ಗೆದ್ದಿತು, 121 ಸೋತಿತು. 1900ರಿಂದ ಈಚೆಗೆ ಅಮೆರಿಕದ ದೊಡ್ಡ ಬೇಸ್‌ಬಾಲ್ ಪಂದ್ಯಾವಳಿಯಾದ ಮೇಜರ್ ಲೀಗ್‌ನಲ್ಲಿ ಒಂದೇ ಸೀಸನ್‌ಗೆ ಯಾವ ತಂಡವೂ ಇಷ್ಟು ಸೋತಿರಲಿಲ್ಲ. ಅದಕ್ಕೆ ಮುಂಚೆ 1962ರ ನ್ಯೂಯಾರ್ಕ್ ಮೆಟ್ಸ್ 120 ಸೋತಿದ್ದೇ ದಾಖಲೆ. ಆ 162ರಲ್ಲಿ 11 ಮ್ಯಾಚುಗಳನ್ನು ನಾನು ಅಪ್ಪನ ಜೊತೆ ಮೈದಾನದಲ್ಲಿ ಕೂತು ನೋಡಿದೆ. ಅದರಲ್ಲಿ ಗೆದ್ದಿದ್ದು 3. ಕೊಟ್ಟ ದುಡ್ಡಿಗೆ ಒಂದು ದಿನವೂ ಬೇಜಾರು ಪಟ್ಟಿಲ್ಲ.

ಅಪ್ಪ ತಿಪಟೂರಿನಲ್ಲಿ ಹೈಸ್ಕೂಲ್ ಪಿ.ಟಿ. ಮೇಷ್ಟ್ರಾಗಿದ್ದವರು. ತಾಲ್ಲೂಕು ಮಟ್ಟದ ಕ್ರಿಕೆಟ್ ಮ್ಯಾಚುಗಳಿಗೆ ಅಂಪೈರ್ ಆಗಿ, ಸ್ಕೋರ್ ಬರೆದು ಅಭ್ಯಾಸ. ಏಪ್ರಿಲ್‌ನಲ್ಲಿ ಅಪ್ಪ ಅಮ್ಮ ಶಿಕಾಗೋ ಹತ್ತಿರದ ನೇಪರ್‌ವಿಲ್‌ನ ನಮ್ಮ ಮನೆಗೆ ಬಂದರು. ಅಮ್ಮನಿಗೆ ಮೊಮ್ಮಗಳ ಕೆಲಸ ಇತ್ತು. ಅಪ್ಪನಿಗೆ ಏನೂ ಇರಲಿಲ್ಲ. ಬೀದಿಯಲ್ಲಿ ಒಂದು ನರಪಿಳ್ಳೆ ಕಾಣಲ್ಲ, ಮಾತಿಗೆ ಜನ ಇಲ್ಲ, ಕಾರಿಲ್ಲದೆ ಎಲ್ಲೂ ಹೋಗೋಕಾಗಲ್ಲ. ಬೆಳಿಗ್ಗೆ ಒಂಬತ್ತಕ್ಕೆ ಐಪಿಎಲ್ ನೋಡುತ್ತಿದ್ದರು. ಅದು ಮುಗಿದರೆ ಇಡೀ ದಿನ ಕಿಟಕಿ. ಎರಡನೇ ವಾರಕ್ಕೇ ವಾಪಸ್ ಟಿಕೆಟ್ ಮುಂಚೆ ಮಾಡಿಸು ಅನ್ನೋಕೆ ಶುರು ಮಾಡಿದರು.

ಆಗ ಸುಮ್ನೆ ಒಂದು ಭಾನುವಾರ ಕರೆದುಕೊಂಡು ಹೋದೆ. ಏಪ್ರಿಲ್ 28, ಟ್ಯಾಂಪಾ ಬೇ ರೇಸ್ ತಂಡದ ಜೊತೆ ಮ್ಯಾಚ್. ರೇಸ್ ಜೊತೆಗಿನ ಮೂರು ಮ್ಯಾಚು ಶುರುವಾಗೋ ಹೊತ್ತಿಗೆ ಸಾಕ್ಸ್ 3 ಗೆದ್ದು 22 ಸೋತಿದ್ದರು. ಆದರೆ ರೇಸ್ ವಿರುದ್ಧ ಶುಕ್ರವಾರ ಗೆದ್ದರು, ಶನಿವಾರ ಗೆದ್ದರು, ನಾವು ಹೋದ ಭಾನುವಾರವೂ ಗೆದ್ದರು. ಅಪ್ಪ ನೋಡಿದ ಮೊದಲ ಬೇಸ್‌ಬಾಲ್ ಮ್ಯಾಚೇ ಗೆಲುವು! "ಒಳ್ಳೆ ಟೀಮ್ ಕಣೇ ಪುಟ್ಟಿ ಇದು" ಅಂದರು ರೈಲಿನಲ್ಲಿ. ನಾನು ಪಾಯಿಂಟ್ಸ್ ಪಟ್ಟಿ ತೋರಿಸಲಿಲ್ಲ.

ಮನೆಗೆ ಬಂದವರೇ ಮೊಮ್ಮಗಳ ಡ್ರಾಯಿಂಗ್ ಸ್ಕೇಲ್ ತಗೊಂಡು ಒಂದು ಲಾಂಗ್ ನೋಟ್‌ಬುಕ್‌ನಲ್ಲಿ ಗೆರೆ ಹೊಡೆದರು. ಬೇಸ್‌ಬಾಲ್‌ನಲ್ಲಿ ನೋಡೋಕೆ ಬಂದವರೇ ಸ್ಕೋರ್ ಬರೆಯುವ ಪದ್ಧತಿ ಇದೆ. ಚೆಂಡು ಎಸೆಯುವ ಪಿಚರ್‌ಗೆ 1, ಬ್ಯಾಟರ್ ಹಿಂದೆ ಕೂತು ಹಿಡಿಯುವ ಕ್ಯಾಚರ್‌ಗೆ 2, ಶಾರ್ಟ್‌ಸ್ಟಾಪ್ ಅನ್ನೋ ಫೀಲ್ಡರ್‌ಗೆ 6 ಅಂತ ಪ್ರತಿ ಜಾಗಕ್ಕೂ ನಂಬರ್. ಸ್ಟ್ರೈಕ್‌ಔಟ್, ಅಂದರೆ ಬ್ಯಾಟರ್ ಮೂರು ಸ್ಟ್ರೈಕ್ ಆಗಿ ಔಟ್ ಆದರೆ, ಇಂಗ್ಲಿಷಿನ ಕೆ ಅಕ್ಷರ. ಬ್ಯಾಟ್ ಬೀಸದೆ ನಿಂತೇ ಔಟಾದರೆ ಅದೇ ಅಕ್ಷರ ತಿರುಗಿಸಿ ಬರೀತಾರೆ. ಅಪ್ಪ ಇದನ್ನು ಕನ್ನಡಕ್ಕೆ ಇಳಿಸಿಕೊಂಡರು. ಬೀಸಿ ಔಟಾದವನಿಗೆ 'ಕ'. ಬೀಸದೆ ಕಾದು ನಿಂತವನಿಗೆ 'ಕಾ'. ಇನ್ನಿಂಗ್ಸ್‌ಗಳಿಗೆ ೧ರಿಂದ ೯ರವರೆಗೆ ಕನ್ನಡ ಅಂಕಿ. ಆ ನೋಟ್‌ಬುಕ್ ಈಗ ನನ್ನ ಎದುರಿಗೇ ಇದೆ. ಗ್ಯಾರೆಟ್ ಕ್ರೋಶೆ ಅನ್ನೋ ಎಡಗೈ ಪಿಚರ್ ಎಸೆದ ದಿನದ ಪುಟ ನೋಡಬೇಕು, ಎದುರು ತಂಡದ ಕಡೆ ಉದ್ದಕ್ಕೂ ಕ, ಕ, ಕಾ, ಕ. ಇಷ್ಟು ಸೋತ ತಂಡದಲ್ಲೂ ಆ ಹುಡುಗ ಆ ವರ್ಷ 209 ಸ್ಟ್ರೈಕ್‌ಔಟ್ ಮಾಡಿದ. ಅವನು ಎಸೆಯೋದನ್ನು ನೋಡೋಕೆ ಮಾತ್ರ ಬಂದಿದ್ದರೂ ಟಿಕೆಟ್ ದುಡ್ಡು ವಸೂಲಿ.

ಈಗ ಹೋಗೋದು ಹೇಗೆ ಅಂತ ಹೇಳಿಬಿಡುತ್ತೇನೆ. ನಾವು ನೇಪರ್‌ವಿಲ್‌ನಿಂದ ಮೆಟ್ರಾ ರೈಲಲ್ಲಿ ಯೂನಿಯನ್ ಸ್ಟೇಷನ್‌ಗೆ ಹೋಗಿ, ಅಲ್ಲಿಂದ ಜ್ಯಾಕ್ಸನ್ ಸ್ಟೇಷನ್ ತನಕ ನಡೆದು ರೆಡ್ ಲೈನ್ ರೈಲು ಹಿಡಿಯುತ್ತಿದ್ದೆವು. ಸಾಕ್ಸ್-35ನೇ ಬೀದಿ ಸ್ಟೇಷನ್ನಿನಲ್ಲಿ ಇಳಿದು ಹೈವೇ ಸೇತುವೆ ದಾಟಿದರೆ ಮೈದಾನ. ಪುಳಿಯೋಗರೆ ಡಬ್ಬಿ ಮೆಟ್ರಾದಲ್ಲೇ ಖಾಲಿಯಾಗುತ್ತಿತ್ತು. ಟಿಕೆಟ್ ಬಗ್ಗೆ ಒಂದು ಮಾತು. ಮರುಮಾರಾಟದ ಒಂದು ಆಪ್‌ನಲ್ಲಿ ಮೊದಲ ಸಲ ಅಗ್ಗ ಅಂತ ಎರಡು ಟಿಕೆಟ್ ತಗೊಂಡೆ. ಕೊನೆಯ ಪುಟಕ್ಕೆ ಬಂದಾಗ ಶುಲ್ಕ ಅಂತ ಸೇರಿಸಿ ಸೇರಿಸಿ ಹೆಚ್ಚು ಕಮ್ಮಿ ಮೂರನೇ ಟಿಕೆಟ್ಟಿನಷ್ಟು ದುಡ್ಡಾಗಿತ್ತು. ತುಂಬಾ ಸಿಟ್ಟು ಬಂತು. ಪೂರ್ತಿ ಮೊತ್ತ ನೋಡಿದ ಮೇಲೇ ಬಟನ್ ಒತ್ತಿ.

ಮೇಲಿನ ಅಂತಸ್ತಿನ ಸೀಟು ಅಗ್ಗ, ಆದರೆ ಮೆಟ್ಟಿಲು ಕಡಿದು. ಮಂಡಿ ನೋವಿರುವವರಿಗೆ ಬೇಡವೇ ಬೇಡ. ಸೋಲುವ ತಂಡದ ಒಂದು ಅನುಕೂಲ ಇಲ್ಲಿದೆ. 40 ಸಾವಿರ ಜನ ಹಿಡಿಯುವ ಮೈದಾನದಲ್ಲಿ ವಾರದ ದಿನ ಎಷ್ಟೋ ಸಾಲು ಖಾಲಿ ಇರುತ್ತವೆ, ಕೆಳಗಿನ ಸೀಟೂ ಕೈಗೆಟುಕುವ ಬೆಲೆಗೆ ಸಿಗುತ್ತೆ. ನಮ್ಮ ಆಟಗಾರರ ಶೂ ಮಣ್ಣಿನಲ್ಲಿ ಕರ್ ಕರ್ ಅನ್ನೋದು ಕೇಳುವಷ್ಟು ಹತ್ತಿರ ಕೂತಿದ್ದೇವೆ.

ತಿನ್ನೋಕೆ ಎಲೋಟೆ ತಗೊಳ್ಳಿ. ಮೆಕ್ಸಿಕೋ ಕಡೆಯ ತಿಂಡಿ ಅದು. ಬೇಯಿಸಿದ ಮುಸುಕಿನ ಜೋಳದ ಕಾಳನ್ನು ಲೋಟಕ್ಕೆ ಹಾಕಿ, ಬೆಣ್ಣೆ, ಚೀಸ್, ಖಾರದ ಪುಡಿ, ನಿಂಬೆಹಣ್ಣು ಬೆರೆಸಿ ಕೊಡುತ್ತಾರೆ. ಮೊಟ್ಟೆ ತಿನ್ನದವರು ಮೆಯೊನೀಸ್ ಬೇಡ ಅಂತ ಮೊದಲೇ ಹೇಳಬೇಕು. ಅಪ್ಪ ಒಂದು ಚಮಚ ಬಾಯಿಗಿಟ್ಟು "ನಮ್ಮ ಬಸ್‌ಸ್ಟ್ಯಾಂಡ್ ಜೋಳ ಕಣೇ ಇದು" ಅಂದರು. ಆಮೇಲೆ ಹನ್ನೊಂದು ಮ್ಯಾಚಿಗೂ ಅದೇ. ಬೇರೆ ತಿಂಡಿಯ ಬಗ್ಗೆ ನಾನೇನೂ ಹೇಳಲಾರೆ.

ಮೈದಾನದ ಹೆಸರು ಆಗ ಗ್ಯಾರಂಟೀಡ್ ರೇಟ್ ಫೀಲ್ಡ್, ಈಗ ಬರೀ ರೇಟ್ ಫೀಲ್ಡ್. 1991ರಲ್ಲಿ ಕಟ್ಟಿದ್ದು. ಹಳೆಯ ಕೊಮಿಸ್ಕಿ ಪಾರ್ಕ್ ಬೀದಿಯ ಆಚೆ ಇತ್ತು, ಈಗ ಅದು ಪಾರ್ಕಿಂಗ್ ಜಾಗ. ಅಲ್ಲಿ ಬ್ಯಾಟರ್ ನಿಲ್ಲುವ ಹಳೆಯ ಹೋಮ್ ಪ್ಲೇಟ್ ಇದ್ದ ಜಾಗದಲ್ಲಿ ನೆಲಕ್ಕೆ ಒಂದು ಅಮೃತಶಿಲೆಯ ಫಲಕ ಹಾಕಿದ್ದಾರೆ, 1910-1990 ಅಂತ. ಅಪ್ಪ ಚಪ್ಪಲಿ ಬಿಟ್ಟು ಅದರ ಪಕ್ಕ ನಿಂತು, ಛತ್ರಿಯನ್ನೇ ಬ್ಯಾಟ್ ಮಾಡಿಕೊಂಡು ಗಾರ್ಡ್ ತಗೊಂಡರು. ಕ್ರಿಕೆಟ್ ಗಾರ್ಡೇ! ಆ ಫೋಟೋ ನಮ್ಮ ಫ್ರಿಜ್ ಮೇಲಿದೆ. ಒಳಗೆ ಎಲ್ಲ ಸೀಟೂ ಹಸಿರು, ಎರಡು ಮಾತ್ರ ನೀಲಿ. 2005ರ ವರ್ಲ್ಡ್ ಸೀರೀಸ್‌ನ, ಅಂದರೆ ಫೈನಲ್ ಸರಣಿಯ, ಎರಡನೇ ಮ್ಯಾಚಿನಲ್ಲಿ ಪಾಲ್ ಕೊನೆರ್ಕೊ ಮತ್ತು ಸ್ಕಾಟ್ ಪೊಡ್ಸೆಡ್ನಿಕ್ ಹೊಡೆದ ಹೋಮ್ ರನ್ (ನಮ್ಮ ಸಿಕ್ಸರ್ ಇದ್ದ ಹಾಗೆ) ಹೋಗಿ ಬಿದ್ದ ಜಾಗಗಳು ಅವು. 1917ರ ನಂತರ 88 ವರ್ಷ ಕಾದು ಆ ವರ್ಷ ಕಪ್ ಗೆದ್ದ ತಂಡ ಇದು. ಆರ್‌ಸಿಬಿ ಮನೆಯವರಾದ ನಮಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ.

ನಾನು ಮರೆಯಲಾರದ ಮ್ಯಾಚ್ ಅಂದರೆ ಮೇ 23, ಬಾಲ್ಟಿಮೋರ್ ಓರಿಯೋಲ್ಸ್ ಜೊತೆ ಆಡಿದ್ದು. ಹಿಂದಿನ ದಿನ ಬೆಳಿಗ್ಗೆಯಷ್ಟೇ ಆರ್‌ಸಿಬಿ ಎಲಿಮಿನೇಟರ್‌ನಲ್ಲಿ ರಾಜಸ್ಥಾನದ ಎದುರು ಸೋತಿತ್ತು. ಅದೂ ಆರು ಮ್ಯಾಚ್ ಸತತವಾಗಿ ಗೆದ್ದು ಅಲ್ಲಿಗೆ ಬಂದ ಮೇಲೆ! ಅಪ್ಪ ಆ ದಿನ ಸರಿಯಾಗಿ ಊಟ ಮಾಡಿರಲಿಲ್ಲ. ಮನಸ್ಸು ಬದಲಾಗಲಿ ಅಂತ ಮೈದಾನಕ್ಕೆ ಕರೆತಂದೆ. ಸಾಕ್ಸ್ ಸೋಲೋದು ಖಾತ್ರಿ ಅನ್ನುವಾಗ ಕೊನೆಯ, ಒಂಬತ್ತನೇ ಇನ್ನಿಂಗ್ಸ್‌ನಲ್ಲಿ ರನ್ ಮೇಲೆ ರನ್ ಬಂದು ಎದುರಾಳಿಯ 8ಕ್ಕೆ ನಮ್ಮದು 6 ಆಯಿತು. ಮೂರು ಔಟಾದರೆ ಇನ್ನಿಂಗ್ಸ್ ಮುಗಿಯುತ್ತೆ, ಆಗಿದ್ದು ಒಂದು ಔಟ್. ರನ್‌ಗೆ ಓಡುವವರು ನಿಲ್ಲುವ ಬೇಸುಗಳಲ್ಲಿ ಮೊದಲನೆಯ ಮತ್ತು ಎರಡನೆಯದರಲ್ಲಿ ನಮ್ಮವರು. ಎಲ್ಲರೂ ಎದ್ದು ನಿಂತಿದ್ದರು. ಆಂಡ್ರ್ಯೂ ಬೆನಿನ್‌ಟೆಂಡಿ ಹೊಡೆದ ಚೆಂಡು ನೇರ ಮೇಲಕ್ಕೆ ಹೋಯಿತು. ಶಾರ್ಟ್‌ಸ್ಟಾಪ್ ಗನ್ನರ್ ಹೆಂಡರ್ಸನ್ ಸಲೀಸಾಗಿ ಹಿಡಿದ. ಎರಡು ಔಟ್ ಆಯ್ತಲ್ಲ, ಇನ್ನೊಂದಿದೆ ಅಂದುಕೊಂಡರೆ, ಓರಿಯೋಲ್ಸ್ ಆಟಗಾರರು ಕೈ ಕುಲುಕಿಕೊಂಡು ಹೊರಟೇಬಿಟ್ಟರು!

ನಡೆದಿದ್ದು ಇಷ್ಟು. ಇನ್‌ಫೀಲ್ಡ್ ಫ್ಲೈ ಅಂತ ಒಂದು ನಿಯಮ ಇದೆ. ಬೇಸುಗಳಲ್ಲಿ ಹೀಗೆ ಇಬ್ಬರಿದ್ದಾಗ ಸುಲಭದ ಕ್ಯಾಚ್ ಮೇಲೆದ್ದರೆ ಅಂಪೈರ್ ಆಗಲೇ ಬ್ಯಾಟರ್ ಔಟ್ ಅಂತ ಕೂಗುತ್ತಾರೆ. ಇಲ್ಲದಿದ್ದರೆ ಫೀಲ್ಡರ್ ಬೇಕಂತಲೇ ಕೈಬಿಟ್ಟು ಓಡುವವರಿಬ್ಬರನ್ನೂ ಔಟ್ ಮಾಡಿಬಿಡಬಹುದು. ಹಾಗೆ ಬೆನಿನ್‌ಟೆಂಡಿ ಔಟ್. ಎರಡನೇ ಬೇಸಿನಲ್ಲಿದ್ದ ಆಂಡ್ರ್ಯೂ ವಾನ್ ವಾಪಸ್ ಬೇಸಿಗೆ ಬರುವಾಗ ಹೆಂಡರ್ಸನ್‌ನ ದಾರಿಗೆ ಅಡ್ಡ ಬಂದ ಅಂತ ಅಂಪೈರ್ ಅವನನ್ನೂ ಔಟ್ ಕೊಟ್ಟರು. ಒಂದೇ ಚೆಂಡಿಗೆ ಎರಡು ಔಟ್, ಮ್ಯಾಚ್ ಮುಗೀತು.

ಜನ ಕೂಗಾಡುತ್ತಿದ್ದರು. ಅಪ್ಪ ಮಾತ್ರ ಪೆನ್ಸಿಲ್ ಹಿಡಿದು ಹಾಗೇ ಕೂತಿದ್ದರು. ಇದನ್ನು ಹೇಗೆ ಬರೆಯೋದು ಅಂತ ಗೊತ್ತಾಗಲಿಲ್ಲ. ಮುಂದಿನ ಸಾಲಿನಲ್ಲಿ ಅಪ್ಪನದೇ ವಯಸ್ಸಿನ ಒಬ್ಬರು ಹಳೆಯ ಸಾಕ್ಸ್ ಟೋಪಿ ಹಾಕಿಕೊಂಡು ಕೂತಿದ್ದರು. ತಿರುಗಿ ನೋಟ್‌ಬುಕ್ ನೋಡಿದರು. ಜೇಬಿನಿಂದ ಕಡಲೆಕಾಯಿ ತೆಗೆದು ಖಾಲಿ ಸೀಟಿನ ಮೇಲೆ ಜೋಡಿಸಿದರು. ಮೂರು ಬೇಸಿಗೆ ಮೂರು ಕಡಲೆಕಾಯಿ. ವಾನ್ ಒಂದು ಸಿಪ್ಪೆ, ಹೆಂಡರ್ಸನ್ ಇನ್ನೊಂದು ಸಿಪ್ಪೆ. ಬೆರಳಿನಲ್ಲಿ ಸಿಪ್ಪೆ ತಳ್ಳಿ ತೋರಿಸಿದರು, ಇವನು ಇಲ್ಲಿದ್ದ, ಅವನು ಹೀಗೆ ಬಂದ. ಅಪ್ಪ ವಾನ್ ಸಿಪ್ಪೆಯನ್ನು ಒಂದಿಂಚು ಹಿಂದಕ್ಕೆ ಸರಿಸಿದರು. ಅವರು ತಲೆಯಾಡಿಸಿ ಮತ್ತೆ ಮುಂದಕ್ಕಿಟ್ಟರು. ಇಬ್ಬರಿಗೂ ಒಬ್ಬರ ಭಾಷೆ ಇನ್ನೊಬ್ಬರಿಗೆ ಸರಿಯಾಗಿ ಬರಲ್ಲ. ಹದಿನೈದು ನಿಮಿಷ ಹೀಗೇ ನಡೆಯಿತು. ಸ್ವಚ್ಛ ಮಾಡುವವರು ಬಂದು ನಿಂತರೂ ಇವರು ಏಳಲಿಲ್ಲ. "ಅಡ್ಡ ಬಂದ ಅಂದ್ರೆ ಬಂದ. ಬೇಕು ಅಂತ ಬರದಿದ್ರೂ ಔಟೇ ಅಂತಾರೆ. ಆದ್ರೂ ನಾನಾಗಿದ್ರೆ ಕೊಡ್ತಿರಲಿಲ್ಲ" ಅಂದರು ಅಪ್ಪ ರೈಲಿನಲ್ಲಿ. ವಾಪಸ್ ಟಿಕೆಟ್ ಮಾತು ಆಮೇಲೆ ಬರಲಿಲ್ಲ.

ಅಲ್ಲಿಂದ ಮುಂದೆ ಸೋಲೋ ಸೋಲು. ಆಗ ಶುರುವಾಗಿದ್ದ ಸರಣಿ ಸತತ 14 ಸೋಲಿಗೆ ಹೋಗಿ ನಿಂತಿತು. ಜುಲೈ 10ರಿಂದ ಆಗಸ್ಟ್ 5ರ ತನಕ ಇನ್ನೊಂದು ಸರಣಿ, ಸತತ 21. ಮೇಜರ್ ಲೀಗ್‌ನ ಎರಡು ಭಾಗಗಳಲ್ಲಿ ಒಂದಾದ ಅಮೆರಿಕನ್ ಲೀಗ್‌ನಲ್ಲಿ 1988ರ ಓರಿಯೋಲ್ಸ್ ದಾಖಲೆಗೆ ಸಮ. ಆಗಸ್ಟ್ 6ರಂದು ಓಕ್‌ಲ್ಯಾಂಡ್‌ನಲ್ಲಿ 5-1ಕ್ಕೆ ಗೆದ್ದಾಗ ನಮ್ಮಲ್ಲಿ ತಡರಾತ್ರಿಯಾಗಿತ್ತು. ಅಪ್ಪ ಟಿವಿ ಸೌಂಡ್ ಕಮ್ಮಿ ಮಾಡಿಕೊಂಡು ನೋಡುತ್ತಿದ್ದರು. ಮೆಲ್ಲಗೆ ಬಂದು ನನ್ನ ರೂಮಿನ ಬಾಗಿಲು ತಟ್ಟಿ "ಗೆದ್ರು" ಅಂತ ಹೇಳಿ ಹೋದರು. ಎರಡು ದಿನದಲ್ಲಿ ತಂಡದ ಮ್ಯಾನೇಜರ್ (ಕೋಚ್ ಇದ್ದ ಹಾಗೆ) ಪೆಡ್ರೊ ಗ್ರಿಫೋಲ್ ಅವರನ್ನು ತೆಗೆದರು.

ಇದನ್ನು ಹೇಳಲೇಬೇಕು. ಈ ಸೋಲು ಆಟಗಾರರ ಸೋಮಾರಿತನದಿಂದ ಬಂದಿದ್ದಲ್ಲ. 2021ರಲ್ಲಿ ಇದೇ ತಂಡ 93 ಗೆದ್ದು ತನ್ನ ವಿಭಾಗದಲ್ಲಿ ಮೊದಲಿತ್ತು. 2023ಕ್ಕೆ 101 ಸೋತಿತು. 2024ರ ಸೀಸನ್ ಶುರುವಾಗೋಕೆ ಮುಂಚೆ ಒಳ್ಳೆಯ ಪಿಚರ್ ಡಿಲನ್ ಸೀಸ್‌ನನ್ನು ಸ್ಯಾನ್ ಡಿಯೇಗೋಗೆ ಕೊಟ್ಟರು. ಜುಲೈ ಕೊನೆಗೆ ಫೆಡ್ಡಿ, ಕೊಪೆಕ್, ಫ್ಯಾಮ್, ಹಿಮೆನೆಸ್ ಎಲ್ಲ ಬೇರೆ ತಂಡಗಳಿಗೆ ಹೋದರು. ಅಪ್ಪ ನೋಟ್‌ಬುಕ್‌ನಲ್ಲಿ ಹೆಸರು ಹೊಡೆದು ಹಾಕುತ್ತಾ "ಸೀಸನ್ ಮಧ್ಯೆ ಮನೆ ಸಾಮಾನು ಮಾರಿದ ಹಾಗೆ ಮಾರ್ತಾರಲ್ಲೇ" ಅಂತ ನಿಜವಾಗಲೂ ನೊಂದುಕೊಂಡರು. 162 ಮ್ಯಾಚಿಗೆ 507 ರನ್, 30 ತಂಡಗಳಲ್ಲೇ ಕಮ್ಮಿ. ಅಷ್ಟರಲ್ಲಿ ಯಾವ ಪಿಚರ್ ತಾನೇ ಗೆಲ್ಲಿಸ್ತಾನೆ?

ಕೊನೆಗೆ ಸೆಪ್ಟೆಂಬರ್ 24, ಮಂಗಳವಾರ. ಅಷ್ಟೊತ್ತಿಗೆ 120 ಸೋತು ಮೆಟ್ಸ್‌ಗೆ ಸಮ ಆಗಿದ್ದರು. ಇನ್ನೊಂದು ಸೋತರೆ ದಾಖಲೆ. ಎದುರಿಗೆ ಲಾಸ್ ಏಂಜಲಿಸ್ ಏಂಜಲ್ಸ್. ಆ ದಿನದ ಜನರೇ ಬೇರೆ. ದಾಖಲೆ ಕಣ್ಣಾರೆ ನೋಡೋಣ ಅಂತ ಬಂದವರಿದ್ದರು. ತಂಡ ಮಾರಿಬಿಡಿ ಅಂತ ಮಾಲೀಕರ ವಿರುದ್ಧ ಕೂಗು ಎದ್ದಿತು. ಆ ವರ್ಷ ಏಳು ಇನ್ನಿಂಗ್ಸ್ ಮುಗಿದಾಗ ಹಿಂದಿದ್ದ ಮ್ಯಾಚುಗಳಲ್ಲಿ ಸಾಕ್ಸ್ ಗೆದ್ದಿದ್ದು ಒಂದೂ ಇಲ್ಲ. 94ಕ್ಕೆ ಸೊನ್ನೆ. ಅವತ್ತೂ ಹಿಂದಿದ್ದರು. ಎಂಟನೇ ಇನ್ನಿಂಗ್ಸ್‌ನಲ್ಲಿ ಮೂರು ರನ್ ಬಂತು. 3-2ಕ್ಕೆ ಗೆದ್ದರು. ಕೂಗುತ್ತಿದ್ದವರೇ ಕುಣಿದರು. ಅಪ್ಪ ಕುಣಿಯಲಿಲ್ಲ. ಆ ಎಂಟನೇ ಚೌಕದ ಸುತ್ತ ಎರಡು ಸಲ ಗೆರೆ ಎಳೆದು, ಪೆನ್ಸಿಲ್ ಕಿವಿಗೆ ಸಿಕ್ಕಿಸಿಕೊಂಡರು. ಮಾರನೇ ದಿನವೂ ಗೆದ್ದರು, ಅದರ ಮಾರನೇ ದಿನವೂ. 121ನೇ ಸೋಲು 27ರಂದು ಡೆಟ್ರಾಯಿಟ್‌ನಲ್ಲಿ ಬಂತು. ತಮ್ಮ ಮೈದಾನದಲ್ಲಿ, ತಮ್ಮ ಜನರ ಎದುರು ಬರಲಿಲ್ಲ. ಅದು ನನಗೆ ಇವತ್ತಿಗೂ ಸಮಾಧಾನ.

2025ರಲ್ಲಿ 60 ಗೆದ್ದು 102 ಸೋತರು. ಅಂದರೆ ಆ ವರ್ಷವೂ ಸೋಲು ಜಾಸ್ತಿಯೇ. ಕ್ರೋಶೆ ಬಾಸ್ಟನ್‌ಗೆ ಹೋದ. ಆದರೂ ಗೆಳತಿಗೆ ನಾನು ಹೇಳಿದ್ದು ಹೋಗು ಅಂತಲೇ. ಶುಕ್ರವಾರದ ಮ್ಯಾಚ್ ತಗೋ, ಮುಗಿದ ಮೇಲೆ ಪಟಾಕಿ ಹಾರಿಸ್ತಾರೆ, ಅತ್ತೆಗೆ ಖುಷಿಯಾಗುತ್ತೆ. ಕೆಳಗಿನ ಸೀಟು ತಗೋ. ಮಾವನ ಕೈಗೆ ಒಂದು ಗೆರೆ ಹೊಡೆದ ನೋಟ್‌ಬುಕ್ ಕೊಡು. ಪೆನ್ನು ಬೇಡ, ಪೆನ್ಸಿಲ್ಲೇ ಆಗಬೇಕು. ಹಿಟ್ (ಬ್ಯಾಟರ್‌ನ ಒಳ್ಳೆ ಹೊಡೆತ) ಅಂತ ಕೊಟ್ಟಿದ್ದನ್ನು ಸ್ವಲ್ಪ ಹೊತ್ತಿನ ಮೇಲೆ ಎರರ್ (ಫೀಲ್ಡರ್‌ನ ತಪ್ಪು) ಅಂತ ಬದಲಾಯಿಸ್ತಾರೆ, ಅಳಿಸಿ ಬರೀಬೇಕಾಗುತ್ತೆ.