ಬಣ್ಣದ ಗೋಡೆಯೋ, ಕಂಚಿನ ಮೊಳೆಯೋ: ಥೋರ್ವಾಲ್ಡ್‌ಸನ್ ಮತ್ತು ಕನೋವಾ ಮ್ಯೂಸಿಯಂಗಳು

ಗ್ರೀಕರ ಕಥೆಗಳಲ್ಲಿ ಗ್ರೇಸ್ ಅಂತ ಮೂವರು ಅಕ್ಕತಂಗಿಯರು ಬರುತ್ತಾರೆ. ಒಂದೇ ವರ್ಷದಲ್ಲಿ ಇವರ ಮೂರ್ತಿಗಳನ್ನು ನಾನು ಎರಡು ಕಡೆ ನೋಡಿದೆ. ಮೇ ತಿಂಗಳಲ್ಲಿ ಡೆನ್ಮಾರ್ಕಿನ ಕೋಪನ್‌ಹೇಗನ್‌ನಲ್ಲಿ, ಅಲ್ಲಿನ ಶಿಲ್ಪಿ ಬರ್ಟೆಲ್ ಥೋರ್ವಾಲ್ಡ್‌ಸನ್ ಮಾಡಿದ್ದು. ಅಕ್ಟೋಬರ್‌ನಲ್ಲಿ ಇಟಲಿಯ ಪೊಸ್ಸಾನ್ಯೊ ಅನ್ನೋ ಪುಟ್ಟ ಊರಲ್ಲಿ, ಅಲ್ಲಿನ ಶಿಲ್ಪಿ ಆಂಟೋನಿಯೊ ಕನೋವಾ ಮಾಡಿದ್ದು. ಇಬ್ಬರೂ ರೋಮ್‌ನಲ್ಲಿ ಒಂದೇ ಕಾಲದಲ್ಲಿ ಕೆಲಸ ಮಾಡಿದವರು. ಹಳೆಯ ಗ್ರೀಕ್, ರೋಮನ್ ಶಿಲ್ಪವೇ ಇಬ್ಬರಿಗೂ ಮಾದರಿ. ಗಿರಾಕಿಗಳೂ ಹೆಚ್ಚುಕಡಿಮೆ ಅದೇ ರಾಜರು, ಪೋಪ್‌ಗಳು, ಇಂಗ್ಲಿಷ್ ಸಾಹುಕಾರರು. ಇಬ್ಬರ ಹೆಸರಲ್ಲೂ ಒಂದೊಂದು ಮ್ಯೂಸಿಯಂ ಇದೆ. ಯಾವುದಕ್ಕೆ ಹೋಗಬೇಕು ಅಂತ ಕೇಳುವವರಿಗೆ ಹೇಳೋದಕ್ಕೆ ನನ್ನ ಹತ್ತಿರ ಒಂದಿಷ್ಟು ಮಾತಿದೆ.

ದಾರಿಯ ವಿಷಯ ಮೊದಲು ಮುಗಿಸಿಬಿಡ್ತೀನಿ. ಕೋಪನ್‌ಹೇಗನ್‌ನಲ್ಲಿ ಕಷ್ಟವೇ ಇಲ್ಲ. ಕ್ರಿಸ್ಟಿಯಾನ್ಸ್‌ಬೋರ್ ಅರಮನೆಯ ಪಕ್ಕದಲ್ಲೇ, ಕಾಲುವೆ ದಂಡೆಯ ಮೇಲೆ ಹಳದಿ ಕಟ್ಟಡ. ದೊಡ್ಡ ರೈಲ್ವೆ ಸ್ಟೇಷನ್‌ನಿಂದ ನಡೆದೇ ಹೋದೆ. ಪೊಸ್ಸಾನ್ಯೊ ಇರೋದು ಗ್ರಾಪ್ಪಾ ಬೆಟ್ಟದ ಬುಡದಲ್ಲಿ. ನಾವು ಬಸ್ಸಾನೊ ತನಕ ರೈಲಿನಲ್ಲಿ ಹೋಗಿ, ಅಲ್ಲಿಂದ ಬಸ್ಸು ಹಿಡಿದೆವು. ಬಸ್ಸಿನ ವೇಳೆ ನಾನೇ ತಪ್ಪಾಗಿ ಓದಿದ್ದೆ. ಹೆಂಡತಿ ಕೈಯಲ್ಲಿ ಬೈಸಿಕೊಂಡು ಒಂದೂವರೆ ಗಂಟೆ ಕಾದೆ. ದಾರಿಯೊಂದನ್ನೇ ನೋಡೋದಾದರೆ ಡೆನ್ಮಾರ್ಕ್ ಗೆದ್ದ ಹಾಗೆ.

ಕೋಪನ್‌ಹೇಗನ್‌ನ ಕಟ್ಟಡವನ್ನು ಒಳಗೆ ಹೋಗದೆಯೂ ಅರ್ಧ ಗಂಟೆ ನೋಡಬಹುದು. ಮೊದಲು ಅಲ್ಲಿ ಅರಮನೆಯ ಸಾರೋಟುಗಳನ್ನು ನಿಲ್ಲಿಸುವ ಶೆಡ್ ಇತ್ತು. ರಾಜ ಜಾಗ ಕೊಟ್ಟ, ಊರಿನ ಜನ ಚಂದಾ ಎತ್ತಿದರು, ಬಿಂಡೆಸ್‌ಬೋಲ್ ಅನ್ನೋ ವಾಸ್ತುಶಿಲ್ಪಿ ಅದನ್ನೇ ಮ್ಯೂಸಿಯಂ ಮಾಡಿದ. 1848ರಲ್ಲಿ ಬಾಗಿಲು ತೆರೆಯಿತು. ಹೊರಗೋಡೆಯ ತುಂಬ ಬಣ್ಣದ ಗಾರೆಯಲ್ಲಿ ಮಾಡಿದ ಚಿತ್ರ. ಸುಮಾರು ನಲವತ್ತು ವರ್ಷ ರೋಮ್‌ನಲ್ಲಿದ್ದು 1838ರಲ್ಲಿ ಥೋರ್ವಾಲ್ಡ್‌ಸನ್ ಹಡಗಿನಲ್ಲಿ ವಾಪಸ್ ಬಂದಾಗ ಊರಿಗೆ ಊರೇ ದೋಣಿ ಹತ್ತಿ ಎದುರುಗೊಳ್ಳಲು ಹೋಗಿತ್ತಂತೆ. ಅದೆಲ್ಲ ಗೋಡೆಯ ಮೇಲಿದೆ. ನನಗೆ ಇಷ್ಟವಾಗಿದ್ದು ಇನ್ನೊಂದು ಬದಿ. ಅಲ್ಲಿ ಕೂಲಿಯಾಳುಗಳು ಭಾರದ ಮೂರ್ತಿಗಳನ್ನು ಹಡಗಿನಿಂದ ಇಳಿಸಿ ಎಳೆದು ತರುತ್ತಿದ್ದಾರೆ. ಮ್ಯೂಸಿಯಂ ಗೋಡೆಯ ಮೇಲೆ ಹೊರೆಯಾಳುಗಳಿಗೆ ಜಾಗ ಸಿಗೋದು ಅಪರೂಪ, ಅಲ್ವಾ?

ಒಳಗೆ ಬಣ್ಣವೋ ಬಣ್ಣ. ಕಡುಗೆಂಪು, ಹಸಿರು, ನೇರಳೆ ಗೋಡೆಗಳು. ಹಳೆಯ ರೋಮನ್ ಊರು ಪಾಂಪೆಯ ಮನೆಗಳ ಹಾಗೆ ಚಾವಣಿಗೆಲ್ಲ ಚಿತ್ತಾರ. ಚಿಕ್ಕ ಚಿಕ್ಕ ಕೋಣೆಗಳು ಸಾಲಾಗಿ ಇವೆ. ಒಂದೊಂದರಲ್ಲಿ ಒಂದು ಮುಖ್ಯ ಮೂರ್ತಿ, ಮೇಲಿನ ಕಿಟಕಿಯಿಂದ ಅದಕ್ಕೆ ಬೀಳುವ ಬೆಳಕು. ಗುಡಿಯಿಂದ ಗುಡಿಗೆ ಹೋದ ಹಾಗೆ ಅನಿಸಿತು. ಥೋರ್ವಾಲ್ಡ್‌ಸನ್‌ಗೆ ಮೊದಲು ಹೆಸರು ತಂದ ಜೇಸನ್, ಗ್ರೀಕ್ ಕಥೆಯ ವೀರ, ಇಲ್ಲೇ ಇದ್ದಾನೆ. ಆ ಮೂರ್ತಿಯ ಮಾದರಿಯನ್ನು 1803ರಲ್ಲಿ ಥಾಮಸ್ ಹೋಪ್ ಅನ್ನೋ ಇಂಗ್ಲಿಷ್ ಶ್ರೀಮಂತ ನೋಡಿ ಅಮೃತಶಿಲೆಯಲ್ಲಿ ಬೇಕು ಅಂದ. ಊರಿಗೆ ಹೊರಟು ನಿಂತಿದ್ದ ಥೋರ್ವಾಲ್ಡ್‌ಸನ್ ರೋಮ್‌ನಲ್ಲೇ ಉಳಿದ. ಮೂರ್ತಿ ಮುಗಿದದ್ದು 1828ರಲ್ಲಿ! ಇಪ್ಪತ್ತೈದು ವರ್ಷ ಕಾದ ಗಿರಾಕಿಯ ತಾಳ್ಮೆಗೂ ಒಂದು ಮೂರ್ತಿ ಮಾಡಬಹುದಿತ್ತು.

ನಡುವೆ ಅಂಗಳ. ಅಂಗಳದಲ್ಲಿ ಅವನ ಸಮಾಧಿ. ಮೇಲೆಲ್ಲ ಹಸಿರು ಬಳ್ಳಿ, ಅಷ್ಟೇ. 1844ರಲ್ಲಿ ನಾಟಕ ನೋಡಲು ಹೋದವನು ಅಲ್ಲೇ ತೀರಿಕೊಂಡ. ಸುತ್ತ ನಿಮ್ಮದೇ ಕೆಲಸ, ನಡುವೆ ನೀವು. ಇದಕ್ಕಿಂತ ಇನ್ನೇನು ಬೇಕು?

ಆದರೂ ಒಂದು ಕೊರತೆ ಅನಿಸಿತು. ಅಲ್ಲಿ ಎಲ್ಲ ಮುಗಿದಿದೆ, ಎಲ್ಲ ಸರಿಯಾಗಿದೆ. ಅವನ ಮೂವರು ಗ್ರೇಸ್‌ಗಳು ಶಾಂತವಾಗಿ ನಿಂತಿದ್ದಾರೆ, ಕಾಲ ಬಳಿ ಪ್ರೇಮದ ದೇವರು, ಪುಟಾಣಿ ಕ್ಯುಪಿಡ್. ಚೆನ್ನಾಗಿದೆ. ಆದರೆ ಫೋಟೋ ತೆಗೆಯೋಕೆ ನಿಲ್ಲಿಸಿದ ಹಾಗಿದೆ. ನಾಲ್ಕನೆಯ ಕೋಣೆ ದಾಟುವಾಗ ನನ್ನ ಕಣ್ಣು ಮೂರ್ತಿ ಬಿಟ್ಟು ಗೋಡೆಯ ಬಣ್ಣ ನೋಡುತ್ತಿತ್ತು. ತಪ್ಪು ನನ್ನದೂ ಇರಬಹುದು.

ಪೊಸ್ಸಾನ್ಯೊದಲ್ಲಿ ಇದೇ ಉಲ್ಟಾ. ಕನೋವಾ 1757ರಲ್ಲಿ ಹುಟ್ಟಿದ ಮನೆ, ಅದಕ್ಕೆ ಅಂಟಿಕೊಂಡೇ ಮ್ಯೂಸಿಯಂ. 1822ರಲ್ಲಿ ಅವನು ತೀರಿಕೊಂಡ ಮೇಲೆ ಮಲತಮ್ಮ, ಪಾದ್ರಿ ಸಾರ್ಟೋರಿ, ರೋಮ್‌ನಲ್ಲಿ ಅವನು ಕೆಲಸ ಮಾಡುತ್ತಿದ್ದ ಜಾಗದಲ್ಲಿದ್ದ ಪ್ಲಾಸ್ಟರ್ ಮಾದರಿಗಳನ್ನು ಇಲ್ಲಿಗೆ ಸಾಗಿಸಿ 1830ರ ದಶಕದಲ್ಲಿ ಈ ಹಾಲ್ ಕಟ್ಟಿಸಿದ. ಅಲ್ಲಿ ಊರೇ ಸೇರಿ ಮಾಡಿದ್ದನ್ನು ಇಲ್ಲಿ ತಮ್ಮನೊಬ್ಬ ಮಾಡಿದ.

ಪ್ಲಾಸ್ಟರ್ ಅಂದ ಕೂಡಲೇ ನನ್ನ ಹೆಂಡತಿ ಮುಖ ಸಪ್ಪೆ ಮಾಡಿಕೊಂಡಳು. "ರೀ, ಅಸಲಿ ಎಲ್ಲಾ ಬೇರೆ ಕಡೆ ಇದೆ, ಇಲ್ಲಿರೋದು ನಕಲಾ?" ನನಗೂ ಹಾಗೇ ಅನಿಸಿತ್ತು. ಹತ್ತಿರ ಹೋಗಿ ನೋಡಿದರೆ ಮೂರ್ತಿಯ ಮೈಮೇಲೆಲ್ಲ ಕಪ್ಪು ಚುಕ್ಕೆ. ಹಣೆಯಲ್ಲಿ, ಮೊಣಕಾಲಲ್ಲಿ, ಮೂಗಿನ ತುದಿಯಲ್ಲಿ. ಅವು ಚಿಕ್ಕ ಚಿಕ್ಕ ಕಂಚಿನ ಮೊಳೆಗಳು.

ಕೆಲಸ ಹೀಗೆ ನಡೆಯುತ್ತಿತ್ತು. ಮೊದಲು ಅಂಗೈಯಗಲದ ಮಣ್ಣಿನ ಗೊಂಬೆ. ಆಮೇಲೆ ಅಸಲಿ ಅಳತೆಯಲ್ಲಿ ಮಣ್ಣಿನ ಮೂರ್ತಿ. ಅದಕ್ಕೆ ಅಚ್ಚು ತೆಗೆದು ಪ್ಲಾಸ್ಟರ್ ಹುಯ್ಯುತ್ತಿದ್ದರು. ಮಣ್ಣಿನ ಮೂರ್ತಿಯ ಕಥೆ ಅಲ್ಲಿಗೆ ಮುಗಿಯಿತು. ಪ್ಲಾಸ್ಟರಿಗೆ ಮೊಳೆ ಹೊಡೆದು, ಮೊಳೆಯಿಂದ ಮೊಳೆಗೆ ಅಳತೆ ಹಿಡಿದು, ಅಷ್ಟೇ ಆಳಕ್ಕೆ ಕೆಲಸಗಾರರು ಕಲ್ಲು ಕೆತ್ತುತ್ತಿದ್ದರು. ಕೊನೆಯ ಪದರ ಮಾತ್ರ ಕನೋವಾನ ಕೈ. ರಾತ್ರಿ ಮೇಣದಬತ್ತಿ ಹಿಡಿದು ಆ ನೆರಳಲ್ಲಿ ಚರ್ಮ ನುಣುಪು ಮಾಡುತ್ತಿದ್ದನಂತೆ. ಅಂದರೆ ಇಲ್ಲಿರೋದು ಕಲ್ಲಿನ ನಕಲಲ್ಲ, ಕಲ್ಲಿಗಿಂತ ಮೊದಲು ಹುಟ್ಟಿದ್ದು. ಥೋರ್ವಾಲ್ಡ್‌ಸನ್ ಮ್ಯೂಸಿಯಂನಲ್ಲೂ ಪ್ಲಾಸ್ಟರ್ ಮಾದರಿಗಳು ಬೇಕಾದಷ್ಟಿವೆ. ಆದರೆ ಅವು ಅಲ್ಲಿ ದೇವರ ಹಾಗೆ ನಿಂತಿವೆ. ಇಲ್ಲಿ ಇನ್ನೂ ಕೆಲಸದ ಮೇಲಿದ್ದ ಹಾಗೆ ಕಾಣುತ್ತವೆ.

ಗಾಜಿನ ಪೆಟ್ಟಿಗೆಗಳಲ್ಲಿ ಆ ಅಂಗೈಯಗಲದ ಮಣ್ಣಿನ ಗೊಂಬೆಗಳೂ ಇವೆ. ನಾನು ಹೆಚ್ಚು ಹೊತ್ತು ನಿಂತದ್ದು ಅಲ್ಲೇ. ಮುಖ ಮೂತಿ ಏನಿಲ್ಲ, ಬರೀ ಒತ್ತಿದ ಮಣ್ಣು. ಆದರೆ ಮೈ ಬಾಗಿರುವ ರೀತಿ ಆಗಲೇ ಬಂದುಬಿಟ್ಟಿದೆ. ಇಷ್ಟು ಅವಸರದ ಕೈ ಆಮೇಲೆ ಅಷ್ಟು ನುಣುಪಿನ ಮೂರ್ತಿ ಮಾಡಿತು ಅಂದರೆ ನಂಬೋದು ಕಷ್ಟ.

ಹಳೆ ಹಾಲ್‌ಗೆ 1957ರ ಹೊತ್ತಿಗೆ ಕಾರ್ಲೊ ಸ್ಕಾರ್ಪಾ ಅನ್ನೋ ವಾಸ್ತುಶಿಲ್ಪಿ ಒಂದು ಭಾಗ ಸೇರಿಸಿದ. ಕನೋವಾ ಹುಟ್ಟಿ ಇನ್ನೂರು ವರ್ಷವಾದ ನೆಪ. ಬಿಳಿ ಮೂರ್ತಿಗೆ ಬಿಳಿ ಗೋಡೆ. ಕೇಳಿದರೆ ಹುಚ್ಚು ಅನಿಸುತ್ತದೆ. ಆದರೆ ಗೋಡೆ ಮತ್ತು ಸೂರು ಸೇರುವ ಮೂಲೆಗೇ ಗಾಜು ಕೂರಿಸಿದ್ದಾನೆ. ಬೆಳಕು ಗೋಡೆ ಹಿಡಿದು ಇಳಿಯುತ್ತದೆ, ಮೋಡ ಬಂದರೆ ಮೂರ್ತಿಯ ಮುಖವೂ ಬದಲಾಗುತ್ತದೆ. ತುದಿಯಲ್ಲಿ ದೊಡ್ಡ ಗಾಜು, ಆಚೆ ಪುಟ್ಟ ಕೊಳ, ಅದರ ಮುಂದೆ ಕನೋವಾನ ಮೂವರು ಗ್ರೇಸ್‌ಗಳು. ಒಬ್ಬಳ ಹೆಗಲ ಮೇಲೆ ಇನ್ನೊಬ್ಬಳ ಕೈ, ಏನೋ ಗುಟ್ಟು ಹೇಳಿಕೊಂಡು ತಲೆ ತಾಗಿಸಿದ್ದಾರೆ. ಮೈತುಂಬ ಮೊಳೆ. ಆದರೂ ಬೆಚ್ಚಗೆ ಇರಬೇಕು ಅನ್ನಿಸುವ ಚರ್ಮ.

ಈ ಮೂರ್ತಿಗಳು ಪಟ್ಟ ಪಾಡೂ ಜಾಸ್ತಿ. 1917ರಲ್ಲಿ, ಮೊದಲ ಮಹಾಯುದ್ಧದಲ್ಲಿ, ಈ ಹಾಲ್ ಮೇಲೆ ಶೆಲ್ ಬಿದ್ದು ಎಷ್ಟೋ ಕೈ, ತಲೆ ಚೂರಾದವು. ಆಮೇಲೆ ಜೋಡಿಸಿದರು. 2020ರಲ್ಲಿ ಪ್ರವಾಸಿಯೊಬ್ಬ ಫೋಟೋಗೆ ಅಂತ ನೆಪೋಲಿಯನ್ನನ ತಂಗಿ ಪಾವೊಲೀನಾ ಬೋರ್ಗೇಸೆಯ ಮಾದರಿ ಮೇಲೆ ಕೂತು ಅವಳ ಕಾಲ್ಬೆರಳು ಮುರಿದ. ಶೆಲ್ಲಿಗಿಂತ ಸೆಲ್ಫಿ ಸಣ್ಣದು, ಅಷ್ಟೇ ಸಮಾಧಾನ.

ಸಮಾಧಿಯಲ್ಲಿ ಮಾತ್ರ ನನ್ನ ಓಟು ಥೋರ್ವಾಲ್ಡ್‌ಸನ್‌ಗೆ. ಕನೋವಾ ಊರಿನ ಎತ್ತರದಲ್ಲಿ ತಾನೇ ಒಂದು ದೊಡ್ಡ ಗುಮ್ಮಟದ ಚರ್ಚ್ ಕಟ್ಟಿಸಲು ಹೊರಟಿದ್ದ. ದೇಹ ಅಲ್ಲಿದೆ, ಹೃದಯ ವೆನಿಸ್‌ನ ಫ್ರಾರಿ ಚರ್ಚ್‌ನಲ್ಲಿದೆ. ಇದರ ಮುಂದೆ ಆ ಬಳ್ಳಿಯ ಗುಡ್ಡೆಯೇ ಚೆಂದ.

ಒಂದೇ ದಿನ ಇದ್ದರೆ, ಮಕ್ಕಳೂ ಜೊತೆಗಿದ್ದರೆ, ಕೋಪನ್‌ಹೇಗನ್‌ಗೆ ಹೋಗಿ. ಬಣ್ಣ ಇದೆ, ನಡಿಗೆ ಕಡಿಮೆ, ಕಟ್ಟಡವೇ ಕಥೆ ಹೇಳುತ್ತದೆ. ಮೂರ್ತಿ ಹೇಗೆ ಆಗುತ್ತದೆ ಅನ್ನೋ ಕುತೂಹಲ ಇದ್ದರೆ ಪೊಸ್ಸಾನ್ಯೊ. ನಾನು ಎರಡನೇ ಸಲ ಹೋಗೋದು ಅಲ್ಲಿಗೇ, ಬಸ್ಸಿನ ವೇಳೆ ಸರಿಯಾಗಿ ಓದಿಕೊಂಡು.

ವಾಪಸ್ ಬರುವಾಗ ಬಸ್‌ಸ್ಟಾಪಿನಲ್ಲಿ ಹೆಂಡತಿಯನ್ನೂ ಕೇಳಿದೆ, ನಿನಗೆ ಯಾವುದು ಇಷ್ಟ ಅಂತ. "ಕೋಪನ್‌ಹೇಗನ್‌ಗೆ ನೀವೊಬ್ಬರೇ ಹೋಗಿದ್ದು. ನೋಡದೇ ಹೇಗೆ ಹೇಳ್ಲಿ? ಕರ್ಕೊಂಡು ಹೋಗಿ, ಆಮೇಲೆ ಹೇಳ್ತೀನಿ" ಅಂದಳು.